ವರ್ಕ್ ಪರ್ಮಿಟ್‌ಗೆ ಎಲ್ಲಿ ಅರ್ಜಿ ಹಾಕಬೇಕು ಅಣ್ಣಾ?

ವಾರಕ್ಕೆ ಒಬ್ಬರಾದರೂ ಇದನ್ನು ಕೇಳುತ್ತಾರೆ. ಮುಂಬೈ ಪಕ್ಕದ ಡೊಂಬಿವಲಿಯಲ್ಲಿ ನಮ್ಮ ಭಾವನ ಹೋಟೆಲಿನ ಗಲ್ಲಾದಲ್ಲಿ ಕೂರುವವನು ನಾನು. ಅದಕ್ಕೂ ಮೊದಲು ಒಂಬತ್ತು ವರ್ಷ ಶಾರ್ಜಾದಲ್ಲಿದ್ದೆ ಅನ್ನುವುದು ಕುಂದಾಪುರದಿಂದ ಬರುವ ಹುಡುಗರಿಗೆಲ್ಲ ಹೇಗೋ ಗೊತ್ತಾಗಿರುತ್ತದೆ. ಚಹಾ ಕುಡಿದು, ಬಿಲ್ ಕೊಟ್ಟು, ಚಿಲ್ಲರೆ ತಗೊಂಡ ಮೇಲೂ ನಿಂತೇ ಇರುತ್ತಾರೆ. ಆಮೇಲೆ ಮೆಲ್ಲಗೆ: "ಅಣ್ಣಾ, ದುಬೈ ವರ್ಕ್ ಪರ್ಮಿಟ್‌ಗೆ ಎಲ್ಲಿ ಅರ್ಜಿ ಹಾಕಬೇಕು? ಎಷ್ಟಾಗುತ್ತದೆ?"

ನೀನು ಅರ್ಜಿ ಹಾಕುವುದೇ ಇಲ್ಲ ಮಾರಾಯ. ಕಂಪನಿ ಹಾಕುತ್ತದೆ. ದುಡ್ಡೂ ಕಂಪನಿಯದ್ದೇ.

ಇದನ್ನು ಇಷ್ಟು ಖಡಾಖಂಡಿತವಾಗಿ ಹೇಳಲು ಕಾರಣ ಇದೆ. ಶಾರ್ಜಾದಲ್ಲಿ ನಾನಿದ್ದದ್ದು ಒಂದು ಟೈಪಿಂಗ್ ಸೆಂಟರಿನಲ್ಲಿ. ಅಲ್ಲಿ ಸರ್ಕಾರಿ ಅರ್ಜಿಗಳನ್ನು ಅರೇಬಿಕ್‌ನಲ್ಲಿ ಟೈಪ್ ಮಾಡಿಕೊಡುವ ಅಂಗಡಿಗಳಿರುತ್ತವೆ, ನಮ್ಮ ಕೋರ್ಟ್ ಮುಂದೆ ಕೂರುವ ಟೈಪಿಸ್ಟರ ಹಾಗೆ, ಆದರೆ ಏಸಿ ಹಾಕಿರುತ್ತಾರೆ. ಸಾವಿರಾರು ವರ್ಕ್ ಪರ್ಮಿಟ್ ಅರ್ಜಿ ನನ್ನ ಕೈಯಲ್ಲೇ ಹೋಗಿವೆ. ಅದರಲ್ಲಿ ಮೊದಲು ಬರುವುದು ಕಂಪನಿಯ ಹೆಸರು, ಅದರ ಲೈಸೆನ್ಸ್ ನಂಬರ್. ಕೆಲಸಕ್ಕೆ ಬರುವ ಮನುಷ್ಯ ಕೆಳಗೆಲ್ಲೋ ಇರುತ್ತಾನೆ: ಹೆಸರು, ಪಾಸ್‌ಪೋರ್ಟ್ ನಂಬರ್, ಯಾವ ಕೆಲಸ, ಎಷ್ಟು ಸಂಬಳ. ಇಂಥವನನ್ನು ಕೆಲಸಕ್ಕೆ ಇಟ್ಟುಕೊಳ್ಳುತ್ತೇನೆ, ಅನುಮತಿ ಕೊಡಿ ಅಂತ ಕಂಪನಿ ಅಲ್ಲಿನ ಕಾರ್ಮಿಕ ಸಚಿವಾಲಯವನ್ನು ಕೇಳುವುದು. ಗೋಲ್ಡನ್ ವೀಸಾ, ಫ್ರೀಲ್ಯಾನ್ಸ್ ಪರ್ಮಿಟ್ ಅಂತ ಬೇರೆ ದಾರಿಗಳೂ ಇವೆ ಅನ್ನಿ, ಆದರೆ ಅವುಗಳ ಗಿರಾಕಿಗಳು ನಮ್ಮ ಗಲ್ಲಾದ ಹತ್ತಿರ ಬರುವುದಿಲ್ಲ.

ಹೋದ ತಿಂಗಳು ಬಂದ ಹುಡುಗನ ಕಥೆ ಹೇಳುತ್ತೇನೆ. ಅಂಧೇರಿ ಕಡೆಯ ಒಬ್ಬ ಏಜೆಂಟ್ ಅವನ ಹತ್ತಿರ ಎಂಬತ್ತು ಸಾವಿರ ಕೇಳಿದ್ದ, ಇಪ್ಪತ್ತು ಸಾವಿರ ಆಗಲೇ ಹೋಗಿತ್ತು. "ವರ್ಕ್ ಪರ್ಮಿಟ್ ಬಂತಣ್ಣ" ಅಂತ ಫೋನ್ ನನ್ನ ಮುಂದೆ ಹಿಡಿದ. ಪಿಡಿಎಫ್ ತೆರೆದು ದೊಡ್ಡದು ಮಾಡಿ ನೋಡಿದೆ. ಮೇಲ್ಗಡೆಯೇ ಟೂರಿಸ್ಟ್ ಅಂತ ಇದೆ. ಸ್ಪಾನ್ಸರ್, ಅಂದರೆ ಕರೆಸಿಕೊಳ್ಳುವವರ ಹೆಸರು ಇರಬೇಕಾದ ಜಾಗದಲ್ಲಿ ಯಾವುದೋ ಟ್ರಾವೆಲ್ಸ್‌ನ ಹೆಸರು. ಹುಡುಗನ ಮುಖ ನೋಡಿದೆ, ಅವನು ನನ್ನ ಮುಖವನ್ನೇ ನೋಡುತ್ತಿದ್ದ. ಹಿಂದೆ ಟೇಬಲ್ ನಂಬರ್ ನಾಲ್ಕರವರು ಬಿಲ್ ಬಿಲ್ ಅಂತ ಕೂಗುತ್ತಿದ್ದರು.

"ಇದು ತಿರುಗಾಡಲು ಹೋಗುವವರ ವೀಸಾ ತಮ್ಮಾ."

"ಅಲ್ಲಿ ಹೋದ ಮೇಲೆ ಕನ್ವರ್ಟ್ ಮಾಡುತ್ತಾರಂತೆ."

ಈ ಕನ್ವರ್ಟ್ ಅನ್ನುವ ಶಬ್ದ ಇದೆಯಲ್ಲ, ಅದೇ ಎಲ್ಲ ಹಾಳು ಮಾಡುವುದು. ಯಾಕೆಂದರೆ ಅದು ಪೂರ್ತಿ ಸುಳ್ಳೂ ಅಲ್ಲ. ನಿಜವಾಗಿ ಕಂಪನಿ ಇದ್ದು, ಅದು ಪರ್ಮಿಟ್ ತೆಗೆದರೆ, ದುಬೈ, ಶಾರ್ಜಾ ಎಲ್ಲ ಸೇರಿದ ಯುಎಇ ದೇಶದ ಒಳಗೇ ವಿಸಿಟ್ ವೀಸಾದಿಂದ ಕೆಲಸದ ವೀಸಾಗೆ ಬದಲಾಯಿಸಬಹುದು. ಆದರೆ ಕಂಪನಿಯೇ ಇಲ್ಲದಿದ್ದರೆ? ವಿಸಿಟ್ ಅವಧಿ ಮುಗಿದ ಮೇಲೆ ದಿನಕ್ಕೆ 50 ದಿರ್ಹಮ್ ದಂಡ. ಪರ್ಮಿಟ್ ಬರುವ ಮೊದಲು ಕೆಲಸಕ್ಕೆ ನಿಲ್ಲುವುದು ಕಾನೂನಿಗೆ ವಿರುದ್ಧ. ಹಾಗೆ ಇಟ್ಟುಕೊಂಡ ಕಂಪನಿಗೆ 2024ರಲ್ಲಿ ದಂಡ ಏರಿಸಿದ್ದಾರೆ, ಈಗ ಕಡಿಮೆ ಅಂದರೆ ಒಂದು ಲಕ್ಷ, ಹೆಚ್ಚೆಂದರೆ ಹತ್ತು ಲಕ್ಷ ದಿರ್ಹಮ್. ಹಾಗಾಗಿ ಸರಿಯಾದ ಕಂಪನಿಗಳು ಅದಕ್ಕೆ ಕೈ ಹಾಕುವುದಿಲ್ಲ. ಹಾಕುವವರು ಯಾರು ಅಂತ ನೀವೇ ಯೋಚನೆ ಮಾಡಿ.

ಇನ್ನೊಂದು ಸಮಸ್ಯೆ ಇಲ್ಲೇ, ನಮ್ಮ ಏರ್‌ಪೋರ್ಟಿನಲ್ಲೇ. ಹತ್ತನೇ ಕ್ಲಾಸ್ ಪಾಸಾಗದವರ ಪಾಸ್‌ಪೋರ್ಟ್ ಸಾಮಾನ್ಯವಾಗಿ ಇಸಿಆರ್. ಅಂದರೆ 18 ದೇಶಗಳಿಗೆ ಕೆಲಸಕ್ಕೆ ಹೋಗುವ ಮುಂಚೆ ನಮ್ಮ ಸರ್ಕಾರದಿಂದ ಎಮಿಗ್ರೇಷನ್ ಕ್ಲಿಯರೆನ್ಸ್ ಬೇಕು, ಯುಎಇ, ಸೌದಿ, ಕತಾರ್, ಒಮಾನ್, ಕುವೈತ್, ಬಹರೈನ್ ಎಲ್ಲ ಅದರಲ್ಲಿವೆ. ಈ ಹುಡುಗ ಒಂಬತ್ತಕ್ಕೇ ಶಾಲೆ ಬಿಟ್ಟವನು. ವಿಸಿಟ್ ವೀಸಾದಲ್ಲಿ ಕಳಿಸಿದರೆ ಏಜೆಂಟನಿಗೆ ಈ ಕ್ಲಿಯರೆನ್ಸ್ ರಗಳೆಯೇ ಇಲ್ಲ, ಅಲ್ವಾ? ಕೌಂಟರಿನ ಆಫೀಸರ್ ನಾಲ್ಕು ಪ್ರಶ್ನೆ ಕೇಳಿ ವಾಪಸ್ ಕಳಿಸಿದರೆ ಟಿಕೆಟ್ ದುಡ್ಡು ಹೋಗುವುದು ಹುಡುಗನದ್ದು.

ಹಾಗಂತ ಏಜೆಂಟರೆಲ್ಲ ಕಳ್ಳರು ಅಂತ ನಾನು ಹೇಳುವುದಿಲ್ಲ. ಲೈಸೆನ್ಸ್ ಇರುವವರು ಮುಂಬೈಯಲ್ಲೇ ಬೇಕಾದಷ್ಟು ಜನ ಇದ್ದಾರೆ. ಲೈಸೆನ್ಸ್ ನಂಬರನ್ನು ಬಾಯಿಬಿಟ್ಟು ಕೇಳಿ, ನಮ್ಮ ಸರ್ಕಾರದ ಇ-ಮೈಗ್ರೇಟ್ ವೆಬ್‌ಸೈಟಿನಲ್ಲಿ ಹೆಸರು ಹುಡುಕಿ. ಕಾನೂನು ಪ್ರಕಾರ ಅವರು ತಗೊಳ್ಳಬಹುದಾದ ಸೇವಾ ಶುಲ್ಕ ಹೆಚ್ಚೆಂದರೆ 30,000 ರೂಪಾಯಿ, ಮೇಲೆ ಜಿಎಸ್‌ಟಿ, ಅದಕ್ಕೂ ರಸೀದಿ ಕೊಡಬೇಕು. ಎಂಬತ್ತು ಸಾವಿರ ಅಂದ ತಕ್ಷಣ ಎದ್ದು ಬರಬಹುದಿತ್ತು. ಇಸಿಆರ್‌ನವರಿಗೆ ಪ್ರವಾಸಿ ಭಾರತೀಯ ಬಿಮಾ ಅಂತ ಒಂದು ವಿಮೆ ಕಡ್ಡಾಯ. ಎರಡು ವರ್ಷಕ್ಕೆ 275 ರೂಪಾಯಿ ಪ್ರೀಮಿಯಂ, ಸತ್ತರೆ ಅಥವಾ ಶಾಶ್ವತವಾಗಿ ಅಂಗವಿಕಲರಾದರೆ ಹತ್ತು ಲಕ್ಷ. "ಇನ್ಶೂರೆನ್ಸ್‌ಗೆ ಎಂಟು ಸಾವಿರ ಆಯ್ತು" ಅಂತ ಯಾರಾದರೂ ಹೇಳಿದರೆ ಈ 275 ನೆನಪಿಟ್ಟುಕೊಳ್ಳಿ. ಅನುಮಾನ ಇದ್ದರೆ ಬಾಂದ್ರಾ ಕುರ್ಲಾ ಕಾಂಪ್ಲೆಕ್ಸಿನ ವಿದೇಶ್ ಭವನದಲ್ಲಿ ಪ್ರೊಟೆಕ್ಟರ್ ಆಫ್ ಎಮಿಗ್ರಂಟ್ಸ್ ಅಂತ, ಹೊರದೇಶಕ್ಕೆ ಕೆಲಸಕ್ಕೆ ಹೋಗುವವರಿಗಾಗಿ ಇರುವ ಸರ್ಕಾರಿ ಆಫೀಸ್ ಇದೆ, ಅಲ್ಲಿ ಹೋಗಿ ಕೇಳಿ. ಕುರ್ಲಾದಲ್ಲಿ ಇಳಿದು ರಿಕ್ಷಾ ಹಿಡಿದರೆ ಆಯಿತು.

ಈಗ ನಿಜವಾದ ಪರ್ಮಿಟ್ ವಿಷಯ. ಯುಎಇಯಲ್ಲಿ ಎಲ್ಲ ಶುರುವಾಗುವುದು ಆಫರ್ ಲೆಟರ್‌ನಿಂದ. ಕಂಪನಿಯ ಲೆಟರ್‌ಹೆಡ್‌ನಲ್ಲಿ ಬರೆದ ಚೀಟಿ ಅಲ್ಲ, ಸಚಿವಾಲಯದ ನಮೂನೆಯದ್ದು. 2016ರ ಜನವರಿಯಿಂದ ಅದು ಕಡ್ಡಾಯ, ನಂತರದ ಕಾಂಟ್ರಾಕ್ಟಿನಲ್ಲಿ ಅದಕ್ಕಿಂತ ಕಡಿಮೆ ಬರೆಯುವ ಹಾಗಿಲ್ಲ. ಅರೇಬಿಕ್, ಇಂಗ್ಲಿಷ್ ಜೊತೆಗೆ ನಮಗೆ ತಿಳಿಯುವ ಇನ್ನೊಂದು ಭಾಷೆಯಲ್ಲೂ ಅದು ಸಿಗುತ್ತದೆ. ಹಿಂದಿ ಇದೆ, ಮಲಯಾಳಂ ಇದೆ, ತಮಿಳು ಇದೆ. ಆಗ ಮಾಡಿದ ಹನ್ನೊಂದು ಭಾಷೆಗಳ ಪಟ್ಟಿಯಲ್ಲಿ ಕನ್ನಡ ಇರಲಿಲ್ಲ. ನಮ್ಮವರು ಅಲ್ಲಿ ಕಡಿಮೆ ಏನಿಲ್ಲ, ಆದರೂ.

ಈ ನಿಯಮದ ಬೆಲೆ ನನಗೆ ಗೊತ್ತು. 2006ರಲ್ಲಿ ನಾನು ಹೋದಾಗ ಇಲ್ಲಿ ಹೇಳಿದ ಸಂಬಳ 1,500 ದಿರ್ಹಮ್, ಅಲ್ಲಿ ಹೋಗಿ ಸಹಿ ಹಾಕಿದ್ದು 900ಕ್ಕೆ. ಏಜೆಂಟನಿಗೆ ಕೊಡಲು ಅಮ್ಮನ ಬಳೆ ಅಡ ಇಟ್ಟಿದ್ದೆವು. ವಾಪಸ್ ಬರುವ ಹಾಗಿರಲಿಲ್ಲ. ಸಹಿ ಹಾಕಿದೆ.

ಅದಕ್ಕೇ ಆಫರ್ ಲೆಟರ್ ಬಂದರೆ ಒಟ್ಟು ಸಂಬಳ ನೋಡಿ ಕುಣಿಯಬೇಡಿ, ಬೇಸಿಕ್, ಅಂದರೆ ಭತ್ಯೆಗಳನ್ನು ಬಿಟ್ಟು ಮೂಲ ಸಂಬಳ ಎಷ್ಟು ನೋಡಿ. ಓವರ್‌ಟೈಮ್ ಲೆಕ್ಕ ಬೇಸಿಕ್ ಮೇಲೆ. ಬಿಟ್ಟು ಬರುವಾಗ ಸಿಗುವ ಗ್ರಾಚ್ಯುಟಿಯೂ ಬೇಸಿಕ್ ಮೇಲೆ, ಮೊದಲ ಐದು ವರ್ಷ ವರ್ಷಕ್ಕೆ 21 ದಿನದ ಸಂಬಳದ ಹಾಗೆ. 1,800 ಅಂತ ಹೇಳಿ ಬೇಸಿಕ್ 700 ಇಟ್ಟಿರುವ ಅರ್ಜಿಗಳನ್ನು ನಾನೇ ಎಷ್ಟೋ ಟೈಪ್ ಮಾಡಿದ್ದೇನೆ.

ಸಹಿ ಆಗಿ ಪರ್ಮಿಟ್ ಮಂಜೂರಾದ ಮೇಲೆ ಎಂಟ್ರಿ ಪರ್ಮಿಟ್ ಬರುತ್ತದೆ, ಹಳಬರು ಈಗಲೂ ಪಿಂಕ್ ವೀಸಾ ಅನ್ನುತ್ತಾರೆ. ಅದರಲ್ಲಿ ಸ್ಪಾನ್ಸರ್ ಜಾಗದಲ್ಲಿ ಕಂಪನಿಯ ಹೆಸರಿರಬೇಕು. ಹೋದ ಮೇಲೆ ರಕ್ತ ಪರೀಕ್ಷೆ, ಎದೆಯ ಎಕ್ಸ್‌ರೇ, ಬೆರಳಚ್ಚು, ಎಮಿರೇಟ್ಸ್ ಐಡಿ. ಇದೆಲ್ಲದರ ಖರ್ಚು ಕಂಪನಿಯದ್ದು, ನೇಮಕಾತಿ ಖರ್ಚನ್ನು ಕೆಲಸಗಾರನಿಂದ ವಸೂಲಿ ಮಾಡಬಾರದು ಅಂತ ಅಲ್ಲಿನ 2021ರ ಕಾರ್ಮಿಕ ಕಾನೂನಿನಲ್ಲೇ ಇದೆ. ಸೌದಿಗಾದರೆ ಮೆಡಿಕಲ್ ಇಲ್ಲೇ ಮಾಡಿಸಿಕೊಂಡು ಹೋಗಬೇಕು, ಆ ಮೆಡಿಕಲ್‌ಗೆ ಮುಂಬೈಯಲ್ಲಿ ಎಲ್ಲರೂ ಇನ್ನೂ ಗಾಮ್ಕಾ ಅಂತ ಹಳೆಯ ಹೆಸರನ್ನೇ ಹೇಳುತ್ತಾರೆ.

ಆ ಹುಡುಗನ ಜೊತೆ ಒಂದು ಮಂಗಳವಾರ ಅಂಧೇರಿಗೆ ಹೋದೆ. ಇಪ್ಪತ್ತರಲ್ಲಿ ಹನ್ನೆರಡು ಸಾವಿರ ವಾಪಸ್ ಬಂತು, ಉಳಿದದ್ದು "ವೀಸಾ ಖರ್ಚು" ಅಂದರು. ಈಗ ಅವನು ನಮ್ಮಲ್ಲೇ ದೋಸೆ ಕಾವಲಿ ಮುಂದೆ ನಿಂತಿದ್ದಾನೆ. ನಿನ್ನೆ ರಾತ್ರಿ ಶಟರ್ ಎಳೆಯುವಾಗ ಮತ್ತೆ ಫೋನ್ ಹಿಡಿದುಕೊಂಡು ಬಂದ. ಅಬುಧಾಬಿಯ ಒಂದು ಕೇಟರಿಂಗ್ ಕಂಪನಿಯ ಆಫರ್ ಅಂತೆ. ನಾನು ಕನ್ನಡಕ ಹಾಕುವ ಮೊದಲೇ ಅವನೇ ಹೇಳಿದ: "ಬೇಸಿಕ್ 1,100 ಇದೆ ಅಣ್ಣ. ಆದರೆ ಇದು ಸಚಿವಾಲಯದ್ದಲ್ಲ, ಬರೀ ಲೆಟರ್‌ಹೆಡ್. ಅಸಲಿ ಕಳಿಸಿ ಅಂತ ಮೆಸೇಜ್ ಹಾಕಿದ್ದೇನೆ."