ಅರಿಶಿನದ ಗೌರಿ, ತವರಿನ ಗೌರಿ

ಮಗು ಸ್ವಲ್ಪ ಕಪ್ಪಗಿದ್ದು, ಅದಕ್ಕೆ ಗೌರಿ ಅಂತ ಹೆಸರಿಟ್ಟರೆ ನಾಮಕರಣಕ್ಕೆ ಬಂದವರಲ್ಲಿ ಒಬ್ಬರಾದರೂ ನಗುತ್ತಾರೆ. "ಗೌರಿ ಅಂದ್ರೆ ಬಿಳಿ ಅಲ್ವಾ?" ಅನ್ನುತ್ತಾರೆ. ಕೆಟ್ಟ ಮನಸ್ಸೇನಲ್ಲ, ಸುಮ್ನೆ ಬಾಯಿಗೆ ಬಂದ ಮಾತು. ಹೆಸರುಗಳ ಪಟ್ಟಿ ಬಿಚ್ಚಿ ನೋಡಿದರೂ ಅಷ್ಟೇ ಇರುತ್ತದೆ: ಗೌರಿ, ಬೆಳ್ಳಗಿರುವವಳು, ಪಾರ್ವತಿ. ಆದರೆ ಭಾದ್ರಪದದ ತದಿಗೆಯ ದಿನ ಮನೆಯಲ್ಲಿ ಗೌರಿಯನ್ನು ಕೂರಿಸುವವರಿಗೆ ಈ ಅರ್ಥ ಸಾಲುವುದಿಲ್ಲ. ಅವತ್ತು ಮಣೆಯ ಮೇಲೆ ಕೂರುವವಳು ಬೆಳ್ಳಗಿರುವುದೇ ಇಲ್ಲ.

ಒಂದೊಂದು ಮನೆಯಲ್ಲಿ ಒಂದೊಂದು ಗೌರಿ. ಕೆಲವರು ಕೆರೆಯ ಮಣ್ಣು ತಂದು ಮಾಡುತ್ತಾರೆ. ಕೆಲವರದು ಹೊಳೆಯ ಮರಳು. ಕೆಲವರು ಕಲಶಕ್ಕೆ ನೀರು ತುಂಬಿ ಅದನ್ನೇ ಜಲಗೌರಿ ಅನ್ನುತ್ತಾರೆ. ಪೇಟೆಯಿಂದ ಬಣ್ಣದ ಗೌರಿ ತಂದವರೂ ಪಕ್ಕದಲ್ಲಿ ಅರಿಶಿನ ಕಲಸಿ ಪುಟ್ಟ ಗೌರಿಯೊಂದನ್ನು ಮಾಡಿ ವೀಳ್ಯದೆಲೆಯ ಮೇಲೆ ಕೂರಿಸುವುದುಂಟು. ಕಣ್ಣಿಲ್ಲ, ಮೂಗಿಲ್ಲ. ಬೆರಳಲ್ಲಿ ಒತ್ತಿ ಎತ್ತಿದ ಗೋಪುರದ ಥರ ಇರುತ್ತದೆ, ನೆತ್ತಿಗೆ ಒಂದು ಚುಕ್ಕೆ ಕುಂಕುಮ. ನೀರು ಜಾಸ್ತಿಯಾದರೆ ಜರಿದು ಕೂರುತ್ತಾಳೆ, ಕಮ್ಮಿಯಾದರೆ ಬಿರುಕು ಬಿಡುತ್ತಾಳೆ. ನನಗೆ ಕೇಳಿದರೆ ಅವತ್ತಿನ ನಿಜವಾದ ಗೌರಿ ಇವಳೇ. ಹಬ್ಬದ ಹೆಸರೇ ಸ್ವರ್ಣಗೌರಿ. ಚಿನ್ನದ ಬಣ್ಣ, ಅಂದರೆ ಅರಿಶಿನದ ಬಣ್ಣ.

ಇದು ನಮ್ಮ ಮನೆ ಹೆಂಗಸರು ಕಟ್ಟಿಕೊಂಡ ಅರ್ಥ ಅಂದುಕೊಳ್ಳಬೇಡಿ. ಸಂಸ್ಕೃತದ ಹಳೆಯ ಪದಕೋಶ ಅಮರಕೋಶದಲ್ಲಿ ಬಣ್ಣಗಳ ಹೆಸರು ಹೇಳುವ ಕಡೆ 'ಗೌರ' ಎರಡು ಸಲ ಬರುತ್ತದೆ. ಒಂದು ಸಲ ಬಿಳಿಯ ಜೊತೆ. ಇನ್ನೊಂದು ಸಲ 'ಪೀತೋ ಗೌರೋ ಹರಿದ್ರಾಭಃ' ಅಂತ. ಹರಿದ್ರಾ ಅಂದರೆ ಅರಿಶಿನ. ನವರಾತ್ರಿಯ ಎಂಟನೆಯ ದಿನ ಪೂಜೆಗೊಳ್ಳುವ ಮಹಾಗೌರಿ ಬಿಳಿಯವಳು, ಬಿಳಿ ಎತ್ತಿನ ಮೇಲೆ ಕೂತವಳು. ಭಾದ್ರಪದದವಳು ಹಳದಿ. ಎರಡೂ ಗೌರಿಯೇ. ಅದೇ ಕೋಶ ಬರೆದ ಅಮರಸಿಂಹ ದೇವಿಯ ಹೆಸರುಗಳನ್ನು ಹೇಳುವಾಗ 'ಉಮಾ ಕಾತ್ಯಾಯನೀ ಗೌರೀ ಕಾಲೀ' ಅಂತ ಒಂದೇ ಉಸಿರಿನಲ್ಲಿ ಹೇಳಿಬಿಡುತ್ತಾನೆ. ಗೌರಿಯ ಪಕ್ಕದಲ್ಲೇ ಕಾಳಿ. ಕಪ್ಪು ಮಗುವಿಗೆ ಗೌರಿ ಹೆಸರು ಒಪ್ಪುತ್ತದಾ ಅಂತ ನಗುವವರಿಗೆ ಇಷ್ಟು ಸಾಕು.

ಆದರೂ ಈ ಎರಡು ಹೆಸರು ಪಕ್ಕಪಕ್ಕ ಬಂದ ಕತೆಯನ್ನು ಹೇಳಲೇಬೇಕು. ಶಿವಪುರಾಣದ ವಾಯವೀಯ ಸಂಹಿತೆಯಲ್ಲಿ ಅದು ಇದೆ. ಶುಂಭ ನಿಶುಂಭರ ಕಾಟ ತಡೆಯಲಾರದೆ ಬ್ರಹ್ಮ ಶಿವನ ಹತ್ತಿರ ಬರುತ್ತಾನೆ. ಆ ರಾಕ್ಷಸರನ್ನು ಕೊಲ್ಲಲು ದೇವಿಯಿಂದಲೇ ಒಬ್ಬ ಕನ್ಯೆ ಹುಟ್ಟಬೇಕು. ಆಗ ಶಿವ ಒಂದು ದಿನ ಬೇಕಂತಲೇ ಹೆಂಡತಿಯನ್ನು 'ಕಾಳಿ' ಅಂತ ಕರೆಯುತ್ತಾನೆ. ಅವನಿಗೆ ತಮಾಷೆ, ಅವಳಿಗೆ ಚುಚ್ಚಿತು. ಬಣ್ಣ ಹಿಡಿಸದಿದ್ದರೆ ಇಷ್ಟು ದಿನ ಸಹಿಸಿಕೊಂಡಿದ್ದು ಯಾಕೆ ಅಂತ ನೇರವಾಗಿ ಕೇಳುತ್ತಾಳೆ. ಅವನು ಎಷ್ಟು ಸಮಾಧಾನ ಮಾಡಿದರೂ ಕೇಳುವುದಿಲ್ಲ. ಹೊರಟುಬಿಡುತ್ತಾಳೆ. ಎಲ್ಲಿಗೆ? ಹಿಮವಂತನ ಕಡೆಗೆ, ಅಂದರೆ ಅಪ್ಪನ ಮನೆಗೆ. ಅಪ್ಪ ಅಮ್ಮನನ್ನು ಕಂಡು, ನಮಸ್ಕಾರ ಮಾಡಿ, ಆಮೇಲೆ ತಪಸ್ಸಿಗೆ ಕೂರುತ್ತಾಳೆ. ಗಂಡ ಆಡಿದ ಮಾತಿಗೆ ಮುನಿದು ತವರಿಗೆ ಬಂದ ಹೆಣ್ಣು, ಜಗನ್ಮಾತೆಯಾದರೂ.

ತಪಸ್ಸಿನ ಜಾಗಕ್ಕೆ ಒಂದು ಹುಲಿ ಬರುತ್ತದೆ. ತಿನ್ನುವ ಆಸೆಯಿಂದಲೇ ಬಂದದ್ದು. ಆದರೆ ಅವಳ ಎದುರು ಅಲುಗಾಡಲಾರದೆ ನಿಂತುಬಿಡುತ್ತದೆ. ಅವಳು ಅದನ್ನು ಓಡಿಸುವುದಿಲ್ಲ. ಬೇರೆ ಪ್ರಾಣಿಗಳಿಂದ ನನ್ನನ್ನು ಕಾಯುತ್ತಾ ನಿಂತಿದೆ ಅಂದುಕೊಂಡು ಕರುಣೆ ತೋರುತ್ತಾಳೆ. ವಾಪಸು ಹೋಗುವಾಗ ಅದನ್ನೂ ಕರೆದುಕೊಂಡು ಹೋಗಿ ಬಾಗಿಲು ಕಾಯುವ ಕೆಲಸ ಕೊಡಿಸುತ್ತಾಳೆ. ಈ ಹುಲಿಯ ಭಾಗ ನನಗೆ ತುಂಬಾ ಇಷ್ಟ. ತಾನೇ ಬೇಜಾರಿನಲ್ಲಿದ್ದರೂ ಎದುರಿಗಿದ್ದವರ ಬಗ್ಗೆ ಒಳ್ಳೆಯದನ್ನೇ ಅಂದುಕೊಳ್ಳುವುದು ಎಲ್ಲರಿಗೂ ಬರುವುದಿಲ್ಲ.

ಕೊನೆಗೆ ಅವಳು ಕಪ್ಪು ಚರ್ಮವನ್ನು ಪೊರೆಯಂತೆ ಕಳಚಿ ಗೌರಿಯಾಗುತ್ತಾಳೆ. ಕತೆ ಹೇಳುವವರು ಸಾಮಾನ್ಯವಾಗಿ ಇಲ್ಲಿಗೆ ನಿಲ್ಲಿಸುತ್ತಾರೆ, ಬೆಳ್ಳಗಾದಳು, ಗಂಡ ಮೆಚ್ಚಿದ ಅಂತ. ಆದರೆ ಪುರಾಣ ಅಲ್ಲಿಗೆ ನಿಲ್ಲುವುದಿಲ್ಲ. ಕಳಚಿದ ಆ ಕಪ್ಪೇ ಕೌಶಿಕಿ ಅನ್ನುವ ದೇವಿಯಾಗಿ ಎದ್ದು ನಿಲ್ಲುತ್ತದೆ. ಶುಂಭ ನಿಶುಂಭರನ್ನು ಕೊಂದವಳು ಅವಳು. ಬ್ರಹ್ಮ ಕೇಳಿಕೊಂಡು ಬಂದದ್ದೇ ಅವಳಿಗಾಗಿ. ಹಾಗಿರುವಾಗ ಕಪ್ಪನ್ನು ಕೀಳು ಮಾಡಲು ಈ ಕತೆಯನ್ನು ಬಳಸುವುದು ತಪ್ಪು ಅಂತಲೇ ನಾನು ಹೇಳುತ್ತೇನೆ.

ಇನ್ನೂ ಹಿಂದಕ್ಕೆ ಹೋದರೆ ಋಗ್ವೇದದ ಮೊದಲ ಮಂಡಲದ 164ನೆಯ ಸೂಕ್ತದಲ್ಲಿ ಒಬ್ಬ ಗೌರಿ ಸಿಗುತ್ತಾಳೆ. 'ಗೌರೀರ್ಮಿಮಾಯ ಸಲಿಲಾನಿ ತಕ್ಷತೀ.' ಗೌರಿ ಕೂಗಿದಳು, ನೀರುಗಳನ್ನು ರೂಪಿಸುತ್ತಾ. ಈ ಗೌರಿ ಪಾರ್ವತಿಯಲ್ಲ. ಗೌರ ಅಂದರೆ ಕಾಡಿನ ಎಮ್ಮೆ ಕುಲದ ಪ್ರಾಣಿ. ಭಾಷ್ಯಕಾರರು ಅದನ್ನು ಮೋಡದ ಗುಡುಗು, ವಾಕ್ಕು ಅಂತ ಬಿಡಿಸುತ್ತಾರೆ. ಗುಡುಗಿ ನೀರು ತರುವವಳು. ನಮ್ಮ ಹಬ್ಬಕ್ಕೂ ಇದಕ್ಕೂ ನೇರ ಗಂಟು ಹಾಕಲು ನನಗೆ ಧೈರ್ಯವಿಲ್ಲ. ಆದರೆ ಮಳೆಗಾಲದಲ್ಲಿ ಕೆರೆ ತುಂಬಿದ ಮೇಲೆ, ಅದೇ ಕೆರೆಯ ದಂಡೆಗೆ ಹೋಗಿ ಮಣ್ಣು, ನೀರು ತಂದು ಗೌರಿ ಮಾಡುವ ಜನಕ್ಕೆ ಆ ಸಾಲು ಕೇಳಿದರೆ ಅಪರಿಚಿತ ಅನ್ನಿಸಲಾರದು.

ಕನ್ನಡದ ನೆಲದಲ್ಲಿ ಈ ಹೆಸರಿಗೆ ಬಣ್ಣಕ್ಕಿಂತ ದೊಡ್ಡ ಅರ್ಥ ತವರಿನದು. ತದಿಗೆಯ ದಿನ ಗೌರಿ ತವರಿಗೆ ಬರುತ್ತಾಳೆ. ಚೌತಿಯ ದಿನ ಮಗ ಗಣಪ ಅಮ್ಮನನ್ನು ಕರೆದುಕೊಂಡು ಹೋಗಲು ಹಿಂದೆಯೇ ಬರುತ್ತಾನೆ. ಹಾಗಾಗಿ ಈ ಎರಡು ದಿನ ಮನೆಯ ಯಜಮಾನಿಕೆ ಅವಳದ್ದು. ಮದುವೆಯಾದ ಹೆಣ್ಣುಮಕ್ಕಳಿಗೂ ಅಷ್ಟೇ. ತವರಿನಿಂದ ಅಣ್ಣನೋ ತಮ್ಮನೋ ಬಾಗಿನ ತರುತ್ತಾರೆ, ಬರಲಾಗದಿದ್ದರೆ ಅರಿಶಿನ ಕುಂಕುಮದ ದುಡ್ಡು ಅಂತ ಕಳಿಸುತ್ತಾರೆ. ಈಗ ಅದು ಫೋನಿನಲ್ಲೇ ಬಂದು ಬೀಳುತ್ತದೆ. ಮೊತ್ತ ಎಷ್ಟಾದರೂ ಇರಲಿ, ಅವತ್ತು ಬರದೇ ಇದ್ದರೆ ಹೆಣ್ಣುಮಕ್ಕಳ ಮುಖ ನೋಡಬೇಕು!

ಹೆಸರೂ ಊರಿಗೆ ತಕ್ಕಂತೆ ಮೈ ಬದಲಿಸಿಕೊಂಡಿದೆ. ಮೈಸೂರು ಸೀಮೆಯಲ್ಲಿ ಗೌರಮ್ಮ, ಉತ್ತರ ಕರ್ನಾಟಕದಲ್ಲಿ ಗೌರವ್ವ, ಮನೆಯೊಳಗೆ ಗೌರು. ಉತ್ತರದ ಕಡೆ ಕಾರ್ತಿಕದ ಹುಣ್ಣಿಮೆಗೆ ಗೌರಿ ಹುಣ್ಣಿಮೆ ಅಂತಲೇ ಹೆಸರು. ಸಕ್ಕರೆ ಆರತಿ ಹಿಡಿದು ಹುಡುಗಿಯರು ಗೌರಿಯನ್ನು ಬೆಳಗುತ್ತಾರೆ, ಆಮೇಲೆ ಆ ಸಕ್ಕರೆ ಗೊಂಬೆಗಳನ್ನು ಕಡಿದು ತಿನ್ನುತ್ತಾರೆ. ಅರಸೀಕೆರೆ ತಾಲೂಕಿನ ಮಾಡಾಳಿನಲ್ಲಿ ಗೌರಮ್ಮ ಇಡೀ ಊರಿನ ಮಗಳು. ಅಲ್ಲಿ ಹಬ್ಬ ಒಂದು ದಿನಕ್ಕೆ ಮುಗಿಯುವುದಿಲ್ಲ. ದಿನಗಟ್ಟಲೆ ಅವಳನ್ನು ಕೂರಿಸಿ, ಕರ್ಪೂರ ಹಚ್ಚುವ ಹರಕೆ ತೀರಿಸಿ, ಆಮೇಲೆ ಕಳಿಸಿಕೊಡುತ್ತಾರೆ. ಗೋಕರ್ಣದಲ್ಲಿ ಮಹಾಬಲೇಶ್ವರನ ಹತ್ತಿರದಲ್ಲೇ ಇರುವವಳು ತಾಮ್ರಗೌರಿ. ಬಿಳಿ, ಹಳದಿ ಆಯಿತು, ಈಗ ತಾಮ್ರ!

ಈ ಹೆಸರಿಗೆ ಅಂಟಿದ್ದೆಲ್ಲ ಸಿಹಿಯೇನಲ್ಲ. 'ಅಷ್ಟವರ್ಷಾ ಭವೇದ್ಗೌರೀ' ಅಂತ ಪರಾಶರ ಸ್ಮೃತಿಯಲ್ಲಿ ಬರುತ್ತದೆ. ಎಂಟು ವರ್ಷದ ಹುಡುಗಿ ಗೌರಿ, ಒಂಬತ್ತಾದರೆ ರೋಹಿಣಿ. ಆ ವಯಸ್ಸಿಗೇ ಮದುವೆ ಮಾಡಿಕೊಡುವುದಕ್ಕೆ ಆಧಾರವಾಗಿ ಜನ ಇದನ್ನೇ ಹೇಳುತ್ತಿದ್ದರು. 1929ರಲ್ಲಿ ಶಾರದಾ ಕಾಯ್ದೆ ಬಂದು ಹುಡುಗಿಯ ಮದುವೆಗೆ 14 ವರ್ಷ ಅಂತ ಗೆರೆ ಎಳೆಯುವವರೆಗೂ ಅದಕ್ಕೆ ಬೆಲೆ ಇತ್ತು, ಆಮೇಲೂ ಪೂರ್ತಿ ಹೋಗಲಿಲ್ಲ. ತಾನೇ ತಪಸ್ಸು ಮಾಡಿ, ತನಗೆ ಬೇಕಾದ ಗಂಡನನ್ನು ಆರಿಸಿಕೊಂಡವಳ ಹೆಸರನ್ನು ಎಂಟು ವರ್ಷದ ಮಗುವಿನ ಮದುವೆಗೆ ಬಳಸಿದ್ದು ನನಗಂತೂ ಜೀರ್ಣವಾಗುವುದಿಲ್ಲ.

ಕೊಡಗಿನ ಇಬ್ಬರು ಗೌರಮ್ಮರೂ ನೆನಪಾಗುತ್ತಾರೆ. ಒಬ್ಬಳು ಕೊಡಗಿನ ಕೊನೆಯ ರಾಜ ಚಿಕ್ಕವೀರರಾಜೇಂದ್ರನ ಮಗಳು. 1834ರಲ್ಲಿ ಬ್ರಿಟಿಷರು ರಾಜ್ಯ ಕಿತ್ತುಕೊಂಡು ಅವನನ್ನು ಕಾಶಿಗೆ ಕಳಿಸಿದರು. ಅಲ್ಲಿ 1841ರಲ್ಲಿ ಹುಟ್ಟಿದ ಈ ಹುಡುಗಿಯನ್ನು 1852ರಲ್ಲಿ ಅಪ್ಪನೇ ಇಂಗ್ಲೆಂಡಿಗೆ ಕರೆದುಕೊಂಡು ಹೋದ. ರಾಣಿ ವಿಕ್ಟೋರಿಯಾಳೇ ಧರ್ಮಮಾತೆಯಾಗಿ ನಿಂತು ಅವಳಿಗೆ ಕ್ರೈಸ್ತ ದೀಕ್ಷೆ ಕೊಡಿಸಿದಳು, ತನ್ನ ಹೆಸರನ್ನೇ ಇಟ್ಟಳು. ಧರ್ಮ, ಭಾಷೆ, ಬಟ್ಟೆ ಎಲ್ಲ ಬದಲಾದರೂ ಚರಿತ್ರೆಯಲ್ಲಿ ಅವಳು ವಿಕ್ಟೋರಿಯಾ ಗೌರಮ್ಮ. 1864ರಲ್ಲಿ ಲಂಡನ್ನಿನಲ್ಲಿ ತೀರಿಕೊಂಡಳು. ಇನ್ನೊಬ್ಬರು 1912ರಲ್ಲಿ ಮಡಿಕೇರಿಯಲ್ಲಿ ಹುಟ್ಟಿದ ಕತೆಗಾರ್ತಿ. ಬರೆಯುವಾಗ ಗಂಡನ ಹೆಸರಿನಲ್ಲಿ 'ಮಿಸೆಸ್ ಬಿ.ಟಿ.ಜಿ. ಕೃಷ್ಣ' ಅಂತ ಸಹಿ ಹಾಕುತ್ತಿದ್ದರು. ಮೂವತ್ತು ತುಂಬುವ ಮೊದಲೇ ಹೋಗಿಬಿಟ್ಟರು. ಈಗ ಆ ಸಹಿ ಯಾರಿಗೂ ನೆನಪಿಲ್ಲ. ಕನ್ನಡಕ್ಕೆ ಅವರು ಕೊಡಗಿನ ಗೌರಮ್ಮ.

ಹಬ್ಬಕ್ಕೆ ವಾಪಸು ಬರೋಣ. ವ್ರತದ ಕತೆಯಲ್ಲಿ ಚಂದ್ರಪ್ರಭ ಅನ್ನುವ ರಾಜ ಬೇಟೆಗೆ ಹೋದಾಗ ಕೆರೆಯ ದಡದಲ್ಲಿ ಅಪ್ಸರೆಯರು ಗೌರಿ ಪೂಜೆ ಮಾಡುವುದನ್ನು ನೋಡುತ್ತಾನೆ. ತಾನೂ ಪೂಜೆ ಮಾಡಿ 16 ಗಂಟಿನ ದಾರ ಕಟ್ಟಿಕೊಂಡು ಮನೆಗೆ ಬರುತ್ತಾನೆ. ಇದು ಯಾರು ಕಟ್ಟಿದ ದಾರವೋ ಅಂತ ದೊಡ್ಡ ರಾಣಿ ಸಿಟ್ಟಿನಿಂದ ಕಿತ್ತು ಒಣಮರದ ಮೇಲೆ ಎಸೆಯುತ್ತಾಳೆ. ಮರ ಚಿಗುರುತ್ತದೆ. ಕಿರಿಯ ರಾಣಿ ಅದನ್ನು ಎತ್ತಿ ಕಟ್ಟಿಕೊಳ್ಳುತ್ತಾಳೆ. ಕಷ್ಟಪಟ್ಟು ಅಲೆದ ಮೇಲೆ ದೊಡ್ಡವಳಿಗೂ ದೇವಿ ಒಲಿಯುತ್ತಾಳೆ. ಹೆಂಗಸರ ವ್ರತ ಅಂತ ದೂರ ಕೂರುವ ಗಂಡಸರು ಗಮನಿಸಬೇಕು, ದಾರವನ್ನು ಮನೆಗೆ ಮೊದಲು ತಂದವನು ಗಂಡಸು.

ಇನ್ನು ಮೊರದ ಬಾಗಿನ. ಹೊಸ ಬಿದಿರಿನ ಮೊರ, ಅರಿಶಿನ ನೀರಿನಲ್ಲಿ ತೊಳೆದು ಒಣಗಿಸಿದ್ದು. ಅದರಲ್ಲಿ ಅಕ್ಕಿ, ತೊಗರಿಬೇಳೆ, ಹೆಸರುಬೇಳೆ, ಬೆಲ್ಲದಚ್ಚು, ತೆಂಗಿನಕಾಯಿ, ರವಿಕೆ ಕಣ. ಅದರ ಮೇಲೆ ಪುಟ್ಟ ಕನ್ನಡಿ, ಬಾಚಣಿಗೆ, ಹಸಿರು ಬಳೆ, ಕರಿಮಣಿ, ಬಿಚ್ಚೋಲೆ, ಅರಿಶಿನ ಕುಂಕುಮದ ಪೊಟ್ಟಣ. ಎಲ್ಲದರ ಮೇಲೆ ಇನ್ನೊಂದು ಮೊರ ಮುಚ್ಚಬೇಕು. ಕೊಡುವವಳು ಸೆರಗನ್ನು ಮೊರದ ಮೇಲೆ ಹೊದಿಸಿ ಹಿಡಿಯುತ್ತಾಳೆ, ತೆಗೆದುಕೊಳ್ಳುವವಳೂ ಸೆರಗು ಹಿಡಿದೇ ತೆಗೆದುಕೊಳ್ಳುತ್ತಾಳೆ. ಒಂದು ಕ್ಷಣ ನಾಲ್ಕು ಕೈ, ಎರಡು ಸೆರಗು, ಒಂದು ಮೊರ. ಮೊದಲ ಬಾಗಿನ ಗೌರಿಗೆ, ಆಮೇಲೆ ತಾಯಿಗೆ, ಉಳಿದದ್ದು ಮಿಕ್ಕವರಿಗೆ. ಕನ್ನಂಬಾಡಿ ಕಟ್ಟೆ 124.80 ಅಡಿ ತುಂಬಿದ ವರ್ಷ ಮುಖ್ಯಮಂತ್ರಿಗಳು ಕಾವೇರಿಗೆ ಬಿಡುವುದೂ ಇದೇ ಮೊರದ ಬಾಗಿನವನ್ನೇ. ಹೊಳೆಯೂ ನಮಗೆ ಮನೆಮಗಳೇ.

ತವರು ಇಲ್ಲದವರಿಗೆ ಈ ಹಬ್ಬ ಕಷ್ಟ, ಸುಳ್ಳು ಹೇಳುವುದು ಬೇಡ. ಅಪ್ಪ ಅಮ್ಮ ಹೋಗಿ, ಅಣ್ಣತಮ್ಮಂದಿರು ಮಾತು ಬಿಟ್ಟಿರುವ ಹೆಣ್ಣುಮಕ್ಕಳು ಎಷ್ಟೋ ಜನ. ಅಂಥವರಿಗೆ ಪಕ್ಕದ ಮನೆಯವರೇ ಬಾಗಿನ ಕೊಟ್ಟು ತವರಾಗುವುದನ್ನು ನೋಡಿದ್ದೇನೆ. ಇನ್ನೂ ಕಷ್ಟ ಗಂಡ ಹೋದವರದು. ಬಾಗಿನ ಮುತ್ತೈದೆಯರಿಗೆ ಮಾತ್ರ ಅನ್ನುವ ಕಟ್ಟಳೆಯಿಂದ ಅವರು ಅವತ್ತು ಅಡುಗೆಮನೆಯಲ್ಲೇ ಉಳಿದುಬಿಡುತ್ತಾರೆ. ಮಗಳು ತವರಿಗೆ ಬರುವ ಹಬ್ಬದಲ್ಲಿ ತಾಯಿಯನ್ನೇ ಹೊರಗಿಟ್ಟರೆ ಗೌರಿ ಯಾರನ್ನು ನೋಡಲು ಬರಬೇಕು? ಅಪ್ಪ ಹೋದ ಮೇಲೆ ಅಮ್ಮನೂ ಹಾಗೇ ಒಳಗೆ ಸೇರಿಕೊಂಡಿದ್ದಳು. ಅಕ್ಕ, ನಾನು ಮಾತಾಡಿಕೊಂಡು ಅವಳಿಗೂ ಮೊರ ಕಟ್ಟಿದೆವು. "ಬೇಡ ಕಣ್ರೇ, ಯಾರಾದರೂ ಏನಾದರೂ ಅಂದಾರು" ಅಂದಳು. ಅಕ್ಕ ಕೇಳಲಿಲ್ಲ, ಸೆರಗು ಹೊದಿಸಿ ಮೊರ ಚಾಚಿಯೇಬಿಟ್ಟಳು. ಅಮ್ಮ ತೆಗೆದುಕೊಂಡು ಕೂತಳು. ಸ್ವಲ್ಪ ಹೊತ್ತಾದ ಮೇಲೆ ಮೇಲಿನ ಮೊರ ಸರಿಸಿ, ಒಂದೊಂದನ್ನೇ ಎತ್ತಿ ನೋಡಿ, "ಬಿಚ್ಚೋಲೆ ಎಲ್ರೇ? ಒಂದು ಬಾಗಿನ ಸರಿಯಾಗಿ ಕಟ್ಟೋಕೆ ಬರಲ್ವಾ ನಿಮಗೆ?" ಅಂತ ಇಬ್ಬರಿಗೂ ಬೈದಳು.