ಕ್ಲೆಮೆಂಟೆಯ ಬಲಗೈ

ನಮ್ಮ ಅಂಕೋಲಾ ಕಡೆ ಹೈಸ್ಕೂಲು ಮೈದಾನದಲ್ಲಿ ಟೀಮು ಮಾಡುವಾಗ ಒಂದು ಜಗಳ ತಪ್ಪುವುದಿಲ್ಲ. ಬೌಂಡರಿಗೆ ಹೋಗಿ ನಿಲ್ಲುವವರು ಯಾರು? ಎಲ್ಲರಿಗೂ ಬ್ಯಾಟು ಬೇಕು, ಇಲ್ಲಾ ಬಾಲು ಬೇಕು. ದೂರ ನಿಲ್ಲುವ ಕೆಲಸ ಚಿಕ್ಕವರಿಗೆ, ದಪ್ಪಗಿದ್ದವರಿಗೆ, ಜಗಳ ಆಡಲು ಬಾರದವರಿಗೆ. ಪಿಇ ಟೀಚರ್ ಆಗಿ ನನಗೆ ಇದು ಸಾಕಾಗಿಹೋಗಿದೆ. ಅಂಥ ಹೊತ್ತಲ್ಲಿ ಬೇಸ್‌ಬಾಲ್ ಆಟಗಾರ ರಾಬರ್ಟೊ ಕ್ಲೆಮೆಂಟೆಯ ಕತೆ ತೆಗೆಯುತ್ತೇನೆ. "ಅಕ್ಕೋರೆ, ಮತ್ತೆ ಅವ್ನಾ?" ಅಂತ ಹತ್ತನೇ ಕ್ಲಾಸಿನವರು ರಾಗ ಎಳೆಯುತ್ತಾರೆ. ಎಳೆಯಲಿ ಬಿಡಿ.

ಬೇಸ್‌ಬಾಲ್ ನಮ್ಮೂರಲ್ಲಿ ಯಾರೂ ಆಡುವುದಿಲ್ಲ. ನಾನೂ ಆಡಿದವಳಲ್ಲ. ನನ್ನದು ಜಾವೆಲಿನ್. ಕ್ಲೆಮೆಂಟೆ ಕಡೆ ಗಮನ ಹೋದದ್ದೂ ಅದರಿಂದಲೇ. ಅವನೂ ಹೈಸ್ಕೂಲಿನಲ್ಲಿ ಜಾವೆಲಿನ್ ಎಸೆಯುತ್ತಿದ್ದ. ನೀರಜ್ ಚೋಪ್ರಾ ಟೋಕಿಯೊದಲ್ಲಿ ಚಿನ್ನ ಗೆದ್ದ ಮೇಲೆ ನಮ್ಮಲ್ಲೂ ಬಿದಿರು ಕೋಲು ಸಿಕ್ಕರೆ ಸಾಕು, ಹುಡುಗರು ಬೀಸಿ ಒಗೆಯುತ್ತಾರೆ. ಆ ಕೈಯನ್ನೇ ಚೆಂಡಿಗೆ ಬಳಸಿದರೆ ಏನಾಗುತ್ತದೆ ಅನ್ನುವುದಕ್ಕೆ ಇವನೇ ಸಾಕ್ಷಿ.

ಹುಟ್ಟಿದ್ದು 1934ರ ಆಗಸ್ಟ್ 18ರಂದು, ಕೆರಿಬಿಯನ್ ಸಮುದ್ರದ ಪೋರ್ಟೊ ರಿಕೊ ದ್ವೀಪದ ಕರೋಲಿನಾ ಎಂಬ ಊರಿನಲ್ಲಿ. ಅಪ್ಪ ಕಬ್ಬಿನ ಗದ್ದೆಯಲ್ಲಿ ಮೇಸ್ತ್ರಿ. ಹುಡುಗ ಕೋಲು ಹಿಡಿದು ತಗಡಿನ ಡಬ್ಬಿಗಳಿಗೆ ಬಾರಿಸುತ್ತಿದ್ದುದನ್ನು ನೋಡಿ ರಾಬರ್ಟೊ ಮರಿನ್ ಎಂಬ ಹೈಸ್ಕೂಲು ಮಾಸ್ತರು ತಮ್ಮ ಸಾಫ್ಟ್‌ಬಾಲ್ ತಂಡಕ್ಕೆ ಸೇರಿಸಿಕೊಂಡರು. ಮಾಸ್ತರರ ಹೆಸರು ಬರುವ ಈ ಭಾಗವನ್ನು ನಾನು ಸ್ವಲ್ಪ ಜೋರಾಗಿಯೇ ಹೇಳುತ್ತೇನೆ, ಸುಮ್ನೆ ಯಾಕೆ ಸುಳ್ಳು. 1952ರಲ್ಲಿ ಸಾಂತುರ್ಸೆ ಎಂಬ ತಂಡ ಅವನನ್ನು ಸಂಬಳಕ್ಕೆ ತೆಗೆದುಕೊಂಡಿತು. ಆ ತಂಡದವರನ್ನು ಏಡಿ ಹಿಡಿಯುವವರು ಅಂತಲೇ ಕರೆಯುವುದು. ನಮ್ಮ ಮಂಜಗುಣಿ ಹುಡುಗರಿಗೆ ಇದು ಭಾರೀ ಖುಷಿ.

1954ರಲ್ಲಿ ಅಮೆರಿಕದ ದೊಡ್ಡ ಲೀಗಿನ ಬ್ರೂಕ್ಲಿನ್ ಡಾಡ್ಜರ್ಸ್ ತಂಡದವರು 10,000 ಡಾಲರ್ ಬೋನಸ್ ಕೊಟ್ಟು ಅವನನ್ನು ಹಿಡಿದರು. ಹಿಡಿದು ಮಾಡಿದ್ದೇನು? ಮಾಂಟ್ರಿಯಲ್‌ನಲ್ಲಿದ್ದ ತಮ್ಮ ಕೆಳಗಿನ ತಂಡಕ್ಕೆ ಕಳಿಸಿ ಬೆಂಚಿನ ಮೇಲೆ ಕೂರಿಸಿದರು. ಅಷ್ಟು ಬೋನಸ್ ಪಡೆದವನನ್ನು ಮೇಲಿನ ತಂಡದಲ್ಲಿ ಇಟ್ಟುಕೊಳ್ಳದಿದ್ದರೆ ಬೇರೆಯವರು ಎತ್ತಿಕೊಂಡು ಹೋಗಬಹುದು ಎಂಬ ನಿಯಮ ಆಗ ಇತ್ತು. ಪಿಟ್ಸ್‌ಬರ್ಗ್ ಪೈರೇಟ್ಸ್ ತಂಡದ ಕ್ಲೈಡ್ ಸುಕ್‌ಫೋರ್ತ್ ಅಲ್ಲಿಗೆ ಬಂದದ್ದು ಜೋ ಬ್ಲ್ಯಾಕ್ ಎಂಬ ಬೌಲರನ್ನು ನೋಡಲು. ಕಣ್ಣಿಗೆ ಬಿದ್ದದ್ದು ಮ್ಯಾಚಿಗೆ ಮೊದಲು ಔಟ್‌ಫೀಲ್ಡಿನಿಂದ ಚೆಂಡು ಎಸೆಯುತ್ತಿದ್ದ ಈ ಹುಡುಗ. ಆ ನವೆಂಬರ್‌ನಲ್ಲಿ ಪೈರೇಟ್ಸ್ ಬರೀ 4,000 ಡಾಲರಿಗೆ ಅವನನ್ನು ತೆಗೆದುಕೊಂಡರು. ನೋಡಿ, ಇಡೀ ಜೀವನ ತಿರುಗಿದ್ದು ಪ್ರಾಕ್ಟೀಸಿನ ಒಂದು ಎಸೆತಕ್ಕೆ.

ಬೇಸ್‌ಬಾಲಿನಲ್ಲಿ ರನ್ನಿಗೆ ಓಡುವವನು ನಾಲ್ಕು ಬೇಸು, ಅಂದರೆ ನಿಲ್ದಾಣ, ಮುಟ್ಟಬೇಕು. ಒಂದು ಬೇಸಿನಿಂದ ಇನ್ನೊಂದಕ್ಕೆ ಸುಮಾರು 27 ಮೀಟರ್. ಔಟ್‌ಫೀಲ್ಡಿನ ಬಲಬದಿಯಲ್ಲಿ, ಅಂದರೆ ಕ್ಲೆಮೆಂಟೆಯ ಜಾಗವಾದ ರೈಟ್ ಫೀಲ್ಡಿನಲ್ಲಿ, ನಿಂತವನಿಗೆ ಅತಿ ದೂರದ ಬೇಸು ಮೂರನೆಯದು. ಚೆಂಡು ಆ ಕಡೆ ಹೋಯಿತು ಅಂದರೆ ಓಡುವವನು ಕಣ್ಣುಮುಚ್ಚಿ ಮೂರನೇ ಬೇಸಿಗೆ ಓಡುತ್ತಾನೆ. ಕ್ಲೆಮೆಂಟೆ ಇದ್ದಾಗ ಮಾತ್ರ ಓಡುವ ಮೊದಲು ಒಮ್ಮೆ ತಿರುಗಿ ನೋಡಬೇಕಿತ್ತು. ಅಂಥ ಎಸೆತದಿಂದ ಎದುರಾಳಿ ಔಟ್ ಆದರೆ ಎಸೆದವನ ಲೆಕ್ಕಕ್ಕೆ ಒಂದು ಅಸಿಸ್ಟ್ ಸೇರುತ್ತದೆ. 1961ರ ಒಂದೇ ಸೀಸನ್ನಿನಲ್ಲಿ ಅವನದು 27. ಇಡೀ ಆಟದ ಬದುಕಿನಲ್ಲಿ ಒಟ್ಟು 266. ಆ ವರ್ಷದಿಂದ 1972ರವರೆಗೆ, ಸತತ 12 ವರ್ಷ, ಫೀಲ್ಡಿಂಗಿಗೆ ಕೊಡುವ ಗೋಲ್ಡ್ ಗ್ಲೋವ್ ಬೇರೆ.

ಎಸೆತ ಕೈಯಿಂದ ಬರುವುದಿಲ್ಲ. ಇದನ್ನು ಮಕ್ಕಳಿಗೆ ನಂಬಿಸುವುದರಲ್ಲೇ ನನ್ನ ಅರ್ಧ ವರ್ಷ ಹೋಗುತ್ತದೆ. ಬಲಗೈಯವರಿಗೆ ಮೊದಲು ಎಡಗಾಲು ಗಟ್ಟಿಯಾಗಿ ನೆಲಕ್ಕೆ ಕೂರಬೇಕು. ಅದು ತಡೆದ ಕೂಡಲೇ ಸೊಂಟ ತಿರುಗುತ್ತದೆ. ಸೊಂಟದ ಬೆನ್ನಿಗೆ ಎದೆ, ಆಮೇಲೆ ಭುಜ, ಮೊಣಕೈ, ಕಟ್ಟಕಡೆಗೆ ಬೆರಳು. ಕೈ ಎಷ್ಟು ತಡವಾಗಿ ಬಂದರೆ ವೇಗ ಅಷ್ಟು ಜಾಸ್ತಿ. ಅವಸರದವರು ಮೊದಲೇ ಕೈ ಬೀಸಿಬಿಡುತ್ತಾರೆ, ಜಾವೆಲಿನ್ ಮೂಗು ಮೇಲೆ ಮಾಡಿ ಅಲ್ಲೇ ಬೀಳುತ್ತದೆ, ಭುಜ ನೋವು ಅಂತ ಮರುದಿನ ರಜೆ. ನಮಗಂತೂ ತಾಲೂಕು ಕ್ರೀಡಾಕೂಟ ಬರುವುದೇ ಮಳೆಗಾಲದ ಕೆಸರಿನಲ್ಲಿ. ಮೊದಲು ಜಾರುವುದು ಆ ಎಡಗಾಲೇ.

ಇಷ್ಟು ಆಡಿದವನ ಬೆನ್ನು ಸರಿ ಇರಲಿಲ್ಲ ಎಂಬುದು ಇನ್ನೊಂದು ವಿಷಯ. ಪೈರೇಟ್ಸ್ ಪರ ಆಡಲು ಶುರುಮಾಡುವ ಮೊದಲೇ ಕುಡಿದು ಬಂದವನೊಬ್ಬ ಅವನ ಕಾರಿಗೆ ಗುದ್ದಿದ್ದ. ಬ್ಯಾಟಿಂಗಿಗೆ ನಿಂತಾಗ ಕತ್ತು ಆ ಕಡೆ ಈ ಕಡೆ ತಿರುಗಿಸಿಕೊಳ್ಳುತ್ತಿದ್ದ. ಪತ್ರಕರ್ತರು ಅದನ್ನು ನಾಟಕ ಅಂದರು. ಅವನ ಇಂಗ್ಲಿಷನ್ನು ಉಚ್ಚಾರದ ಸಮೇತ ಅಣಕಿಸಿ ಅಚ್ಚು ಹಾಕಿದರು. ಆಟಗಾರರ ಚಿತ್ರದ ಕಾರ್ಡುಗಳ ಮೇಲೆ ರಾಬರ್ಟೊ ಹೋಗಿ ಬಾಬ್ ಆಯಿತು. ಫ್ಲಾರಿಡಾದ ತರಬೇತಿ ಶಿಬಿರದಲ್ಲಿ ಬಿಳಿಯ ಆಟಗಾರರು ಹೋಟೆಲಿನ ಒಳಗೆ ಊಟ ಮಾಡಿದರೆ ಕಪ್ಪು ಆಟಗಾರರು ಬಸ್ಸಿನಲ್ಲೇ ಕೂರಬೇಕಿತ್ತು. ಹಾಲಕ್ಕಿ ಹುಡುಗಿ ಎದ್ದು ಉತ್ತರ ಹೇಳಿದರೆ ಪೇಟೆ ಮಕ್ಕಳು ಕಿಸಕ್ಕನೆ ನಗುವುದನ್ನು ನಾನು ನೋಡಿದ್ದೇನೆ. ಆ ಹುಡುಗಿ ಆಮೇಲೆ ಕೈ ಎತ್ತುವುದನ್ನೇ ಬಿಡುತ್ತಾಳೆ. ಇವನು ಬಿಡಲಿಲ್ಲ. ಎದುರಿಗೇ ಜಗಳ ಆಡಿದ.

ಬ್ಯಾಟಿಂಗ್ ವಿಷಯ ಬೇಗ ಹೇಳಿಬಿಡುತ್ತೇನೆ. ನಾಲ್ಕು ಸಲ ಲೀಗಿನ ಅತಿ ಹೆಚ್ಚು ಸರಾಸರಿ. 1966ರಲ್ಲಿ ಲೀಗಿನ ಶ್ರೇಷ್ಠ ಆಟಗಾರ. ವರ್ಷದ ಕೊನೆಗೆ ಚಾಂಪಿಯನ್ ಯಾರೆಂದು ತೀರ್ಮಾನಿಸುವ ಸರಣಿ ವರ್ಲ್ಡ್ ಸೀರೀಸ್. 1960 ಮತ್ತು 1971ರ ಸರಣಿ ಎರಡರಲ್ಲೂ ಪೈರೇಟ್ಸ್ ಗೆದ್ದರು, ಆ 14 ಪಂದ್ಯಗಳಲ್ಲಿ ಒಂದರಲ್ಲೂ ಅವನು ಹಿಟ್, ಅಂದರೆ ಚೆಂಡು ಬಾರಿಸಿ ಬೇಸು ಮುಟ್ಟುವುದು, ಇಲ್ಲದೆ ಹೋಗಲಿಲ್ಲ. 1971ರಲ್ಲಿ ವಯಸ್ಸು 37, ಸರಣಿಯ ಸರಾಸರಿ .414, ಅಂದರೆ ಸಾವಿರಕ್ಕೆ 414 ಹಿಟ್ಟಿನ ಲೆಕ್ಕ. ಗೆದ್ದ ಮೇಲೆ ಟಿವಿ ಮೈಕು ಮುಂದೆ ಬಂದಾಗ ಮೊದಲು ಸ್ಪ್ಯಾನಿಷ್‌ನಲ್ಲಿ ಅಪ್ಪ ಅಮ್ಮನ ಆಶೀರ್ವಾದ ಕೇಳಿದ. ಅಮೆರಿಕದವರು ಕಾಯಲಿ ಅಂತ. ನನಗೆ ಆ ಠೀವಿ ಇಷ್ಟ. 1972ರ ಸೆಪ್ಟೆಂಬರ್ 30ರಂದು 3000ನೇ ಹಿಟ್ ಬಂತು. ರೆಗ್ಯುಲರ್ ಸೀಸನ್ನಿನಲ್ಲಿ ಅದೇ ಕೊನೆಯದು.

ಆ ಡಿಸೆಂಬರ್ 23ರಂದು ನಿಕರಾಗುವಾದ ಮನಾಗುವಾ ನಗರ ಭೂಕಂಪಕ್ಕೆ ಕುಸಿಯಿತು. ಕೆಲವೇ ವಾರದ ಹಿಂದೆ ಅವನು ಹುಡುಗರ ತಂಡ ಕಟ್ಟಿಕೊಂಡು ಅಲ್ಲಿಗೆ ಹೋಗಿ ಬಂದಿದ್ದ. ಸಾಮಾನು ಕೂಡಿಸಿ ಕಳಿಸಿದ. ಅದನ್ನು ಅಲ್ಲಿನ ಆಳುವವರ ಸೈನಿಕರು ನಡುದಾರಿಯಲ್ಲೇ ಲಪಟಾಯಿಸುತ್ತಿದ್ದಾರೆ ಅಂತ ಸುದ್ದಿ ಬಂತು. ತಾನೇ ಜೊತೆಗೆ ಹೋದರೆ ಯಾರೂ ಮುಟ್ಟಲಿಕ್ಕಿಲ್ಲ ಅಂದುಕೊಂಡ. 2019ರ ನೆರೆಯಲ್ಲಿ ಗಂಗಾವಳಿ ದಂಡೆಯ ಊರುಗಳಿಗೆ ಅಕ್ಕಿ, ಹೊದಿಕೆ ಒಯ್ದವರಿಗೆ ಇದು ಬಿಡಿಸಿ ಹೇಳಬೇಕಾಗಿಲ್ಲ. ಕೈಯಾರೆ ಕೊಟ್ಟು ಬಂದರೇ ಸಮಾಧಾನ, ಅಲ್ವಾ? ಡಿಸೆಂಬರ್ 31ರ ರಾತ್ರಿ ಹಳೆಯ ಡಿಸಿ-7 ವಿಮಾನ ಮಿತಿಮೀರಿದ ಭಾರ ಹೊತ್ತು ಪೋರ್ಟೊ ರಿಕೊದ ಸಾನ್ ಹುವಾನ್‌ನಿಂದ ಹಾರಿತು. ಹಾರಿದ ಸ್ವಲ್ಪ ಹೊತ್ತಿಗೆ ಸಮುದ್ರಕ್ಕೆ ಬಿತ್ತು. ಒಳಗೆ ಐದು ಜನ. ಕ್ಲೆಮೆಂಟೆಯ ದೇಹ ಸಿಗಲೇ ಇಲ್ಲ.

ಬೇಸ್‌ಬಾಲಿನ ಮಹಾನ್ ಆಟಗಾರರನ್ನು ಗೌರವಿಸುವ ಹಾಲ್ ಆಫ್ ಫೇಮ್‌ಗೆ ಆಟ ಬಿಟ್ಟ ಮೇಲೆ ಐದು ವರ್ಷ ಕಾಯಬೇಕೆಂಬ ನಿಯಮವನ್ನು ಬದಿಗಿಟ್ಟು 1973ರಲ್ಲೇ ಅವನನ್ನು ಸೇರಿಸಿದರು. ಅಲ್ಲಿಗೆ ಹೋದ ಮೊದಲ ಲ್ಯಾಟಿನ್ ಅಮೆರಿಕನ್ ಅವನೇ. ನಮ್ಮ ಮಕ್ಕಳಿಗೆ ಈ ಗೌರವದ ಮಾತೆಲ್ಲ ಬೇಡ. 2024ರ ಜುಲೈಯಲ್ಲಿ ಶಿರೂರು ಗುಡ್ಡ ಹೆದ್ದಾರಿ ಮೇಲೆ ಕುಸಿದಾಗ ವಾರಗಟ್ಟಲೆ ಗಂಗಾವಳಿಯಲ್ಲಿ ನಡೆದ ಹುಡುಕಾಟ ನೋಡಿದವರು ಇವರು. ಅವರಿಗೆ ಬೇಕಾದವನು ಮ್ಯಾನಿ ಸಾಂಗಿಯೆನ್. ತಂಡದ ಕ್ಯಾಚರ್, ಪನಾಮಾದವನು. ಗೆಳೆಯನಿಗಾಗಿ ಉಳಿದವರೆಲ್ಲ ಚರ್ಚಿನಲ್ಲಿ ಪ್ರಾರ್ಥನೆಗೆ ಸೇರಿದ್ದಾಗ ಇವನು ಮುಳುಗುಗಾರರ ಜೊತೆ ಸಮುದ್ರಕ್ಕೆ ಇಳಿದಿದ್ದ.

"ದೋಣಿ ಎಷ್ಟು ದೊಡ್ಡದು ಅಕ್ಕೋರೆ?" "ಸೆಳೆತ ಇತ್ತಾ?" ಪ್ರಶ್ನೆ ಮೇಲೆ ಪ್ರಶ್ನೆ. ಹೋದ ವರ್ಷ ಎಂಟನೇ ಕ್ಲಾಸಿನ ಒಬ್ಬ, ಅಪ್ಪನ ಜೊತೆ ಬಲೆಗೆ ಹೋಗುವವನು, ಎಲ್ಲ ಕೇಳಿಸಿಕೊಂಡು ತಲೆ ಅಲ್ಲಾಡಿಸಿದ. "ಆಟ ಆಡೋರನ್ನ ಯಾಕೆ ಇಳಿಸಿದ್ರು? ನಮ್ಮಂಥವ್ರನ್ನ ಕರೀಬೇಕಿತ್ತು."