ರೋಡು ತೊಳ್ಕೊಳ್ಳಲಿ ಸಾರ್

"ರೋಡು ಸ್ವಲ್ಪ ತೊಳ್ಕೊಳ್ಳಲಿ ಸಾರ್, ಆಮೇಲೆ ಹೋಗಣ."

ಮಂಗಳವಾರ ಸಂಜೆಯಿಂದ ಈ ಮಾತು ತಲೆಯಿಂದ ಇಳಿಯುತ್ತಿಲ್ಲ. ಹೇಳಿದವರು ಆಟೋ ಯಜಮಾನರು. ಅರವತ್ತು ದಾಟಿದ ಆಸಾಮಿ, ಖಾಕಿ ಅಂಗಿಯ ಗುಂಡಿಗೆ ಓದುವ ಕನ್ನಡಕ ಸಿಕ್ಕಿಸಿಕೊಂಡಿದ್ದರು. ಬೆಂಗಳೂರಿನ ಸಿರ್ಸಿ ಸರ್ಕಲ್ ಇನ್ನೇನು ಬಂತು ಅನ್ನುವಾಗ ಭರಣಿ ಮಳೆಯ ಮೊದಲ ಹನಿಗಳು ಶುರುವಾದವು. ದಪ್ಪ ದಪ್ಪ ಹನಿ, ಒಂದು ಇಲ್ಲಿ ಬಿದ್ದರೆ ಇನ್ನೊಂದು ಮಾರು ದೂರದಲ್ಲಿ. ವೈಪರ್ ಹಾಕುವಷ್ಟೂ ಇರಲಿಲ್ಲ. ಯಜಮಾನರು ಫ್ಲೈಓವರ್ ಕಂಬದ ಪಕ್ಕಕ್ಕೆ ಗಾಡಿ ತಿರುಗಿಸಿ ಎಂಜಿನ್ ಆರಿಸಿಯೇ ಬಿಟ್ಟರು.

ನನ್ನ ಪಕ್ಕದಲ್ಲಿ ನಮ್ಮ ಷಡ್ಡಕರು ಕೂತಿದ್ದರು. ಹೆಂಡತಿಯ ಅಕ್ಕನ ಗಂಡ, ಎದುರಿಗೆ ಭಾವ ಅನ್ನುತ್ತೇನೆ. ಮೆಕ್ಯಾನಿಕಲ್ ಎಂಜಿನಿಯರು, ಕಾರಿನ ಬಿಡಿಭಾಗ ಮಾಡುವ ಕಡೆ ದೊಡ್ಡ ಹುದ್ದೆ. ಒಳ್ಳೆಯವರೇ. ಆದರೆ ತಮಗಿಂತ ಕಡಿಮೆ ಸಂಬಳದವರು ಹೇಳಿದ್ದು ಅವರ ಕಿವಿಗೆ ಬೀಳುವುದಿಲ್ಲ. ಚಾಮರಾಜಪೇಟೆಯಲ್ಲಿ ಒಂದು ಆರತಕ್ಷತೆಗೆ ಹೊರಟಿದ್ದೆವು, ಮೊದಲ ಪಂಕ್ತಿ ತಪ್ಪಿಹೋಗುತ್ತದೆ ಅನ್ನುವ ಚಿಂತೆ ಅವರಿಗೆ.

"ಇದಕ್ಕೆ ಮೂರು ಚಕ್ರ ಇದೆ ಕಣ್ರೀ, ಬೀಳಲ್ಲ. ನಡೀರಿ. ಹನಿ ಮಳೆಗೆ ಯಾರಾದ್ರೂ ನಿಲ್ತಾರಾ?"

"ಜೋರು ಮಳೆ ಆಗಿದ್ರೆ ನಿಲ್ತಿರ್ಲಿಲ್ಲ ಸಾರ್. ಹನಿ ಮಳೆ ಅಂತಲೇ ನಿಂತಿದ್ದು. ವೆಯ್ಟಿಂಗ್ ದುಡ್ಡು ಬೇಡ ಬಿಡಿ."

ಹಾಗಂದವರು ಕಾಲು ಹೊರಗೆ ಚಾಚಿ, ನೆನೆದ ಡಾಂಬರಿನ ಮೇಲೆ ಹವಾಯಿ ಚಪ್ಪಲಿ ಒತ್ತಿ ಮುಂದಕ್ಕೆ ತಳ್ಳಿದರು. ಚಪ್ಪಲಿ ಸಲೀಸಾಗಿ ಸರಿಯಿತು. ಅದು ಸರಿದ ಜಾಗದಲ್ಲಿ ಬೂದು ಬಣ್ಣದ ಲೋಳೆ, ಅಂಚಿಗೆ ಸ್ವಲ್ಪ ನೊರೆ, ನೊರೆಯಾಚೆ ಎಣ್ಣೆಯ ನೀಲಿ-ನೇರಳೆ ಹೊಳಪು. "ನೋಡಿ, ಚಪ್ಪಲಿಗೇ ಹಿಡೀತಿಲ್ಲ," ಅಂದರು. ಭಾವ ಫೋನ್ ನೋಡುತ್ತಿದ್ದರು.

ನಾನು ಪಿಯು ಮಕ್ಕಳಿಗೆ ಭೌತಶಾಸ್ತ್ರ ಹೇಳುವವನು. ಘರ್ಷಣೆಯ ಪಾಠ ಬಂದಾಗಲೆಲ್ಲ ಬೋರ್ಡಿನ ಮೇಲೆ ಒಂದೇ ಬಗೆಯ ಲೆಕ್ಕ ಬರೆಯುತ್ತೇನೆ: ಕಾರು ಇಷ್ಟು ವೇಗದಲ್ಲಿದೆ, ಟೈರಿಗೂ ರಸ್ತೆಗೂ ನಡುವಿನ ಘರ್ಷಣಾ ಗುಣಾಂಕ, ಅಂದರೆ ಹಿಡಿತ ಎಷ್ಟು ಗಟ್ಟಿ ಅನ್ನುವ ಸಂಖ್ಯೆ, ಇಷ್ಟು, ಬ್ರೇಕ್ ಹಾಕಿದರೆ ಎಷ್ಟು ದೂರದಲ್ಲಿ ನಿಲ್ಲುತ್ತದೆ? ಆ ಗುಣಾಂಕವನ್ನು ಪ್ರಶ್ನೆಯೇ ಕೊಟ್ಟಿರುತ್ತದೆ, ಮಕ್ಕಳು ಹಾಕಿ ಗುಣಿಸುತ್ತಾರೆ. ರಸ್ತೆಯಲ್ಲಿ ಅದನ್ನು ಕೊಡುವವರು ಯಾರೂ ಇಲ್ಲ. ಯಜಮಾನರು ಚಪ್ಪಲಿಯಲ್ಲಿ ಅಳೆದುಕೊಂಡರು, ಅಷ್ಟೆ. ಒಣ ಡಾಂಬರಿನ ಮೇಲೆ ಅದು ಸುಮಾರು 0.7 ಇರುತ್ತದೆ, ಚೆನ್ನಾಗಿ ತೊಳೆದ ಒದ್ದೆ ರಸ್ತೆಯಲ್ಲಿ 0.4 ಅಥವಾ 0.5. ತಿಂಗಳುಗಟ್ಟಲೆ ಮಳೆ ಕಾಣದ ಊರಿನಲ್ಲಿ ಗಾಡಿಗಳು ತೊಟ್ಟಿಕ್ಕಿಸಿದ ಎಣ್ಣೆ, ಸವೆದ ಟೈರಿನ ಪುಡಿ, ಮಣ್ಣಿನ ಧೂಳು ಎಲ್ಲ ರಸ್ತೆಯ ಕಲ್ಲುಗಳ ಸಂದಿಯಲ್ಲಿ ಸೇರಿಕೊಂಡಿರುತ್ತವೆ. ಜೋರು ಮಳೆ ಅದನ್ನೆಲ್ಲ ಚರಂಡಿಗೆ ಕೊಚ್ಚಿಕೊಂಡು ಹೋಗುತ್ತದೆ. ನಾಲ್ಕು ಹನಿ ಬಿದ್ದರೆ ಕೊಚ್ಚುವಷ್ಟು ನೀರಿಲ್ಲ, ಕಲಸುವಷ್ಟು ಮಾತ್ರ ಇರುತ್ತದೆ. ಆ ಲೋಳೆಯ ಮೇಲೆ ಗುಣಾಂಕ 0.25 ಅಂತ ಇಟ್ಟುಕೊಳ್ಳಿ. ಗಂಟೆಗೆ 40 ಕಿಲೋಮೀಟರ್ ವೇಗದಲ್ಲಿ ಹೋಗುವ ಬೈಕು ಒಣ ರಸ್ತೆಯಲ್ಲಿ ಬ್ರೇಕ್ ಹಿಡಿದ ಮೇಲೆ 9 ಮೀಟರಿನಲ್ಲಿ ನಿಲ್ಲಬಹುದು. ಇಲ್ಲಿ ಅದಕ್ಕೆ 25 ಮೀಟರ್ ಬೇಕು. ಗಾಡಿಯೂ ಅದೇ, ಸವಾರನೂ ಅವನೇ, ವೇಗವೂ ಅಷ್ಟೇ.

ನಾನು ಈ ಲೆಕ್ಕ ಬಾಯಿಪಾಠ ಹೇಳಬಲ್ಲೆ. ಆದರೆ ಆ ಹನಿಗಳು ಬಿದ್ದಾಗ ಗಾಡಿ ನಿಲ್ಲಿಸಬೇಕು ಅಂತ ಹೊಳೆದದ್ದು ಯಜಮಾನರಿಗೆ.

ಐದು ನಿಮಿಷವೂ ಆಗಿರಲಿಕ್ಕಿಲ್ಲ. ಸಿಗ್ನಲ್ ಹಳದಿಗೆ ತಿರುಗಿತು. ಊಟ ತಲುಪಿಸುವ ಹುಡುಗನೊಬ್ಬ, ಬೆನ್ನಿಗೆ ಚೌಕಾಕಾರದ ದೊಡ್ಡ ಬ್ಯಾಗು, 100 ಸಿಸಿಯ ಬೈಕು. ಜೋರಾಗೇನೂ ಬರುತ್ತಿರಲಿಲ್ಲ. ಇದನ್ನು ಒತ್ತಿ ಹೇಳುತ್ತಿದ್ದೇನೆ, ಯಾಕೆ ಅಂತ ಮುಂದೆ ಗೊತ್ತಾಗುತ್ತದೆ. ಸಿಗ್ನಲ್ ನೋಡಿ ಮುಂದಿನ ಬ್ರೇಕ್ ಹಿಡಿದ. ಚಕ್ರ ಆಗಷ್ಟೇ ಜೀಬ್ರಾ ಪಟ್ಟೆಯ ಬಿಳಿ ಬಣ್ಣದ ಮೇಲೆ ಹತ್ತಿತ್ತು. ಚಕ್ರ ಉರುಳುವುದು ನಿಂತಿತು, ಬೈಕು ನಿಲ್ಲಲಿಲ್ಲ. ಹ್ಯಾಂಡಲ್ ಒಂದು ಪಕ್ಕಕ್ಕೆ ಮಡಚಿಕೊಂಡಿತು. ಬೈಕು ಮಲಗಿಕೊಂಡು ಅರ್ಧ ಸುತ್ತು ತಿರುಗುತ್ತಾ ಜಾರಿತು. ಹಿಂದೆ ಹುಡುಗ ಕೂತ ಭಂಗಿಯಲ್ಲೇ, ಬ್ಯಾಗಿನ ಸಮೇತ, ಅದೇ ದಾರಿಯಲ್ಲಿ ಜಾರಿಕೊಂಡು ಹೋದ. ಹಿಂದಿನ ಬಸ್ಸಿನವನು ದೂರ ಬಿಟ್ಟಿದ್ದ, ಪುಣ್ಯ.

ಉರುಳುತ್ತಿರುವ ಚಕ್ರದ ವಿಚಿತ್ರ ಇದು. ಮಕ್ಕಳು ಮೊದಲ ಸಲ ಕೇಳಿದಾಗ ನಂಬುವುದೇ ಇಲ್ಲ. ಗಾಡಿ ಎಷ್ಟೇ ಜೋರಾಗಿ ಓಡಲಿ, ಟೈರಿನಲ್ಲಿ ನೆಲಕ್ಕೆ ತಾಗಿರುವ ಭಾಗ ಆ ಗಳಿಗೆಗೆ ನೆಲದ ಮೇಲೆ ನಿಂತೇ ಇರುತ್ತದೆ. ಇಟ್ಟ ಹೆಜ್ಜೆ ಕದಲದ ಹಾಗೆ. ನಿಂತದ್ದನ್ನು ಹಿಡಿದಿಡುವ ಘರ್ಷಣೆ ಗಟ್ಟಿ, ಜಾರಲು ಶುರುಮಾಡಿದ್ದರ ಮೇಲೆ ಅದರ ಹಿಡಿತ ಸಡಿಲ. ಚಕ್ರ ಲಾಕ್ ಆಯಿತೋ, ಗಟ್ಟಿ ಹಿಡಿತ ಬಿಟ್ಟುಹೋಗಿ ಸಡಿಲ ಹಿಡಿತಕ್ಕೆ ಬಿದ್ದ ಹಾಗೆ. ಜೊತೆಗೆ ಜಾರುವ ಚಕ್ರ ಹ್ಯಾಂಡಲ್ ಹೇಳಿದ ಕಡೆಗೂ ಹೋಗುವುದಿಲ್ಲ. ಎರಡು ಚಕ್ರದ ಗಾಡಿಯಲ್ಲಿ ಮುಂದಿನ ಚಕ್ರ ಹಾಗೆ ಜಾರಿದರೆ ಸವಾರ ಎಷ್ಟೇ ಪಳಗಿದವನಾದರೂ ಉಳಿಸಿಕೊಳ್ಳುವುದು ಕಷ್ಟ. ಎಬಿಎಸ್ ಮಾಡುವ ಕೆಲಸ ಇಷ್ಟೇ: ಚಕ್ರ ಲಾಕ್ ಆಗುವ ಅಂಚಿಗೆ ಬಂದರೆ ಬ್ರೇಕನ್ನು ಕ್ಷಣಕ್ಷಣಕ್ಕೂ ಬಿಟ್ಟು ಹಿಡಿದು, ಉರುಳುತ್ತಲೇ ಇರುವಂತೆ ನೋಡಿಕೊಳ್ಳುವುದು. ಆದರೆ ನಮ್ಮಲ್ಲಿ 2019ರ ಏಪ್ರಿಲ್‌ನಲ್ಲಿ 125 ಸಿಸಿಗಿಂತ ಮೇಲಿನ ಬೈಕುಗಳಿಗೆ ಅದು ಕಡ್ಡಾಯವಾದಾಗ, 125ರವರೆಗಿನವಕ್ಕೆ ಎರಡೂ ಬ್ರೇಕನ್ನು ಒಟ್ಟಿಗೆ ಹಿಡಿಸುವ ಸಿಬಿಎಸ್ ಸಾಕು ಅಂತ ಆಯಿತು. ವಾರಕ್ಕೊಮ್ಮೆ ನಂದಿಬೆಟ್ಟಕ್ಕೆ ಹೋಗುವವನ ಬೈಕಿಗೆ ಎಬಿಎಸ್, ದಿನವಿಡೀ ಊರು ಸುತ್ತುವವನ ಬೈಕಿಗೆ ಇಲ್ಲ. ಬೆಲೆಯ ಲೆಕ್ಕಾಚಾರ ನನಗೂ ಅರ್ಥವಾಗುತ್ತದೆ. ಆದರೂ.

ನಾವು ಓಡಿಹೋಗುವಷ್ಟರಲ್ಲಿ ಹುಡುಗ ಎದ್ದಿದ್ದ. ಮೊಣಕೈ ತರಚಿತ್ತು, ಪ್ಯಾಂಟು ಮಂಡಿಯ ಹತ್ತಿರ ಹರಿದಿತ್ತು. ಮೂಳೆಗೇನೂ ಆಗಿರಲಿಲ್ಲ. ಮೊದಲು ನೋಡಿಕೊಂಡದ್ದು ಕೈಯನ್ನಲ್ಲ, ಫೋನನ್ನು. ಆಮೇಲೆ ಬ್ಯಾಗಿನ ಜಿಪ್ಪು ತೆಗೆದು ಒಳಗೆ ನೋಡಿದ. ಸಾಂಬಾರಿನ ಪೊಟ್ಟಣ ಒಡೆದಿತ್ತು.

ಅಷ್ಟರಲ್ಲಿ ಜನ ಸೇರಿದರು, ತೀರ್ಪುಗಳೂ ಬಂದವು. "ಈಗಿನ ಹುಡುಗ್ರಿಗೆ ಜೀವದ ಬೆಲೆನೇ ಗೊತ್ತಿಲ್ಲ," ಎಂದ ಒಬ್ಬರು ಹೆಲ್ಮೆಟ್ಟನ್ನು ಮೊಣಕೈಗೆ ನೇತುಹಾಕಿಕೊಂಡಿದ್ದರು. "ಟೈರ್ ಬೋಳಾಗಿರುತ್ತೆ, ಬಟನ್ ಇರಲ್ಲ ಇವ್ರ ಗಾಡೀಲಿ," ಅಂತ ಇನ್ನೊಬ್ಬರು. ನಾನು ಬಗ್ಗಿ ನೋಡಿದೆ. ಬಟನ್, ಅಂದರೆ ಟೈರಿನ ಗೀರುಗಳ ನಡುವಿನ ಉಬ್ಬು, ಚೆನ್ನಾಗಿಯೇ ಇತ್ತು, ಸವೆತದ ಗುರುತಿಗಿಂತ ಎಷ್ಟೋ ಎತ್ತರದಲ್ಲಿತ್ತು. ಟೈರಿನ ಗೀರುಗಳಿರುವುದು ನೀರು ಹೊರಗೆ ಹೋಗಲು ದಾರಿ ಮಾಡಿಕೊಡಲಿಕ್ಕೆ. ಒಣ ರಸ್ತೆಯಲ್ಲಿ ಅವುಗಳ ಅಗತ್ಯವೇ ಇಲ್ಲ, ಮಳೆಯಿಲ್ಲದ ದಿನ ರೇಸಿನ ಕಾರುಗಳು ಓಡುವುದು ನುಣ್ಣನೆಯ ಟೈರಿನ ಮೇಲೆಯೇ. ನಿಂತ ನೀರನ್ನು ಗೀರು ಹೊರಗೆ ತಳ್ಳಬಲ್ಲದು. ಕಲ್ಲಿಗೆ ಅಂಟಿದ ಎಣ್ಣೆಯ ಪದರವನ್ನು, ಬಳಿದ ಬಣ್ಣದ ನುಣುಪನ್ನು ಅದು ಏನು ಮಾಡೀತು? ರಬ್ಬರು ರಸ್ತೆಯನ್ನು ಹಿಡಿಯುವುದು ಎರಡು ಬಗೆಯಲ್ಲಿ. ಕಲ್ಲಿನ ಮೈಗೆ ತಾಗಿ ಅಂಟಿಕೊಳ್ಳುವುದು ಒಂದು. ಕಲ್ಲಿನ ಉಬ್ಬುತಗ್ಗಿನೊಳಗೆ ಇಳಿದು, ಒತ್ತಿಸಿಕೊಂಡು, ಮತ್ತೆ ಮೊದಲಿನ ಆಕಾರಕ್ಕೆ ನಿಧಾನವಾಗಿ ಮರಳುತ್ತಾ ಗಾಡಿಯ ಶಕ್ತಿಯನ್ನು ತಿನ್ನುವುದು ಇನ್ನೊಂದು. ಲೋಳೆ ಮೊದಲನೆಯದನ್ನು ಕೆಡಿಸುತ್ತದೆ. ಬಣ್ಣದ ಪಟ್ಟೆಯಲ್ಲಿ ಉಬ್ಬುತಗ್ಗೇ ಕಡಿಮೆ, ಹಾಗಾಗಿ ಎರಡನೆಯದೂ ಇಲ್ಲ. ಆ ಹುಡುಗನಿಗೆ ಎರಡೂ ಒಟ್ಟಿಗೆ ಕೈಕೊಟ್ಟವು.

ಭಾವ ಸುಮ್ಮನಿರುತ್ತಾರೆಯೇ? "ಟೈರ್ ಅಗಲ ಇದ್ದಿದ್ರೆ ಬೀಳ್ತಿರ್ಲಿಲ್ಲ" ಅಂದರು. ಫ್ರಾನ್ಸಿನ ವಿಜ್ಞಾನಿ ಅಮಾಂಟನ್ಸ್ 1699ರಲ್ಲೇ ತಾಗುವ ಜಾಗದ ಅಗಲಕ್ಕೂ ಘರ್ಷಣೆಗೂ ಸಂಬಂಧವಿಲ್ಲ ಅಂದಿದ್ದಾನೆ ಎಂದು ಅಡ್ಡಬಾಯಿ ಹಾಕಿದೆ. ರಬ್ಬರು ಆ ನಿಯಮವನ್ನು ಪೂರ್ತಿ ಪಾಲಿಸುವುದಿಲ್ಲ ಅಂತ ಅವರು. ಅದು ನಿಜವೇ, ಆ ಮಟ್ಟಿಗೆ ಅವರು ಗೆದ್ದರು. ಸಾಂಬಾರು ಚೆಲ್ಲಿದ ಜಾಗದಲ್ಲಿ ನಿಂತು ಇಬ್ಬರು ವಿದ್ಯಾವಂತರು ಹದಿನೇಳನೇ ಶತಮಾನದ ಫ್ರಾನ್ಸಿಗೆ ಹೋಗಿದ್ದೆವು. ಯಜಮಾನರು ಅಷ್ಟರಲ್ಲಿ ಬೈಕನ್ನು ಎತ್ತಿ ಸ್ಟ್ಯಾಂಡ್ ಹಾಕಿ, ಮುಂದಿನ ಚಕ್ರವನ್ನು ಎರಡು ಮಂಡಿಗಳ ನಡುವೆ ಇಟ್ಟು ಹ್ಯಾಂಡಲ್ ನೇರ ಮಾಡಿಯಾಗಿತ್ತು.

"ಹತ್ತು ನಿಮಿಷ ನಿಂತಿದ್ರೆ ಆಗ್ತಿರ್ಲಿಲ್ವಾ ಮಗಾ? ರೋಡು ತೊಳ್ಕೊಳ್ತಿತ್ತು."

"ನಿಂತ್ರೆ ಫೋನ್ ಬರುತ್ತೆ ಅಂಕಲ್."

ಹೇಳುತ್ತಿದ್ದ ಹಾಗೆಯೇ ಫೋನ್ ಬಂತು. "ಎರಡೇ ನಿಮಿಷ ಮೇಡಂ, ಹತ್ರಾನೇ ಇದೀನಿ" ಎಂದ. ಬಿದ್ದ ಸುದ್ದಿ ಎತ್ತಲಿಲ್ಲ. ಕರ್ಚೀಫಿನಲ್ಲಿ ಮೊಣಕೈ ಒರೆಸಿಕೊಂಡು ಕಿಕ್ ಹೊಡೆದು ಹೊರಟ. ಯಜಮಾನರು ಹಿಂದಿನಿಂದ "ಹಿಂದಿನ ಬ್ರೇಕ್ ಮೆತ್ತಗೆ ಹಿಡಿ, ಬಿಳೀ ಗೆರೆ ಮೇಲೆ ಹಿಡೀಬೇಡ" ಅಂತ ಕೂಗಿದರು. ಕೇಳಿಸಿತೋ ಇಲ್ಲವೋ.

ಆಮೇಲೆ ಮಳೆ ನಿಜಕ್ಕೂ ಸುರಿಯಿತು. ಮೋರಿಯ ಬಾಯಿಯ ಕಡೆಗೆ ಕಪ್ಪು ನೊರೆ ಹರಿದುಹೋಗುವುದನ್ನು ನೋಡುತ್ತಾ ನಿಂತೆವು. ಯಜಮಾನರು ಮತ್ತೊಮ್ಮೆ ಕಾಲು ಚಾಚಿ ಚಪ್ಪಲಿ ಒತ್ತಿದರು. ಈ ಸಲ ಅದು ಕಿರ್ರ್ ಎಂದು ತಡೆದು ನಿಂತಿತು. "ಈಗ ಸರಿ" ಅಂದು ಗಾಡಿ ಎಳೆದರು. ಜೋರು ಮಳೆಯಲ್ಲಿ ಹೊರಟ ಆಟೋ ನಮ್ಮದೊಂದೇ ಇದ್ದಂತಿತ್ತು, ಮಿಕ್ಕವರೆಲ್ಲ ಆಗ ಫ್ಲೈಓವರ್ ಕೆಳಗೆ ಬಂದು ನಿಲ್ಲುತ್ತಿದ್ದರು. ಹನಿಯಲ್ಲಿ ಓಡಿಸಿ ಸುರಿಯುವಾಗ ನಿಲ್ಲುವುದು ಬಟ್ಟೆಯ ಲೆಕ್ಕ. ಟೈರಿನ ಲೆಕ್ಕ ಇದಕ್ಕೆ ಉಲ್ಟಾ. ಜೋರು ಮಳೆಗೂ ಅದರದ್ದೇ ಅಪಾಯವಿದೆ. ನಿಂತ ನೀರಿನ ಮೇಲೆ ಹೆದ್ದಾರಿಯ ವೇಗದಲ್ಲಿ ಹೋದರೆ ಟೈರು ನೀರನ್ನು ತಳ್ಳಲಾರದೆ ಅದರ ಮೇಲೇ ತೇಲುತ್ತದೆ. 32 ಪಿಎಸ್ಐ ಗಾಳಿ ಹಾಕಿದ ಕಾರಿನ ಟೈರಿಗೆ ಆ ವೇಗ ಗಂಟೆಗೆ ಹೆಚ್ಚುಕಡಿಮೆ 95 ಕಿಲೋಮೀಟರ್ ಅಂತ ವಿಮಾನದ ಟೈರುಗಳನ್ನು ಪರೀಕ್ಷಿಸಿದ ನಾಸಾದವರ ಸೂತ್ರ ಹೇಳುತ್ತದೆ. ಮೈಸೂರು ರಸ್ತೆಯಲ್ಲಿ ಸಂಜೆ ಏಳಕ್ಕೆ ಆ ವೇಗ ಮುಟ್ಟಿದವರಿದ್ದರೆ ಸನ್ಮಾನ ಮಾಡಬೇಕು.

ಮೊದಲ ಪಂಕ್ತಿ ತಪ್ಪಿತು. ಭಾವ ಮೂರನೆಯ ಪಂಕ್ತಿಯಲ್ಲಿ ಹೋಳಿಗೆ ಆರಿಹೋಗಿದೆ ಎಂದು ದೂರಿದರು.

ಮರುದಿನ ಕ್ಲಾಸಿನಲ್ಲಿ ಬೈಕಿನ ಮುಂದಿನ ಟೈರು ನೆಲಕ್ಕೆ ತಾಗುವ ಜಾಗದ ಲೆಕ್ಕ ಮಾಡಿಸಿದೆ. ಮುಂದಿನ ಚಕ್ರದ ಮೇಲೆ 80 ಕಿಲೋ, ಗಾಳಿ 25 ಪಿಎಸ್ಐ. ಭಾಗಿಸಿದರೆ ಸುಮಾರು 45 ಚದರ ಸೆಂಟಿಮೀಟರ್, ಎರಡೂವರೆ ಬೆಂಕಿಪೊಟ್ಟಣ ಇಟ್ಟಷ್ಟು ಜಾಗ. ಹುಡುಗರು "ಅಷ್ಟೇನಾ ಸಾರ್?" ಅಂದರು. ಅಷ್ಟೇ. ಹಿಂದಿನ ಬೆಂಚಿನ ಹುಡುಗಿಯೊಬ್ಬಳು ಕೇಳಿದಳು, "ಸಾರ್, ಗುಣಾಂಕ ಕೊಟ್ಟಿಲ್ಲ ಅಂದ್ರೆ ಏನ್ಮಾಡೋದು?" ಪರೀಕ್ಷೆಯಲ್ಲಿ ಕೊಟ್ಟಿರುತ್ತಾರೆ ಅಂತ ಹೇಳಿ ಕೂರಿಸಬಹುದಿತ್ತು. ಆಟೋ ಯಜಮಾನರ ಚಪ್ಪಲಿಯ ಕಥೆ ಹೇಳಿದೆ. ಆ ಪೀರಿಯಡ್ಡಿನಲ್ಲಿ ಮುಂದೆ ಪಾಠ ಸಾಗಲಿಲ್ಲ.

ನನ್ನನ್ನು ಕೊರೆಯುತ್ತಿರುವುದು ಭೌತಶಾಸ್ತ್ರವಲ್ಲ. ಯಜಮಾನರು ನಿಂತರು, ಯಾಕೆಂದರೆ ಗಾಡಿ ಅವರದು, ಹೊತ್ತೂ ಅವರದು. ಭಾವನ ಮುಖ ಸಿಂಡರಿಸಿದರೆ ಅವರಿಗೆ ನಷ್ಟವೇನಿಲ್ಲ. ಆ ಹುಡುಗನಿಗೆ ರಸ್ತೆ ಜಾರುತ್ತದೆ ಅಂತ ಗೊತ್ತಿರಲಿಲ್ಲವೇ? ದಿನಕ್ಕೆ ಹತ್ತಾರು ಗಂಟೆ ಅದೇ ರಸ್ತೆಯ ಮೇಲಿರುವವನಿಗೆ ನನಗಿಂತ ಚೆನ್ನಾಗಿ ಗೊತ್ತಿರುತ್ತದೆ. ಆದರೆ ಅವನ ಹೊತ್ತು ಇನ್ಯಾರದೋ ಫೋನಿನಲ್ಲಿ ಓಡುತ್ತಿರುತ್ತದೆ, ನಕ್ಷೆಯ ಮೇಲೆ ಪುಟ್ಟ ಬೈಕಿನ ಚಿತ್ರವಾಗಿ. ಆ ಚಿತ್ರ ಒಂದೆಡೆ ನಿಂತುಬಿಟ್ಟರೆ ಮನೆಯಲ್ಲಿ ಕೂತವರಿಗೆ ಕಸಿವಿಸಿ. "ಜೀವದ ಬೆಲೆ ಗೊತ್ತಿಲ್ಲ" ಎಂದ ಮಹಾಶಯರೂ ಮನೆಗೆ ಹೋಗಿ, ಮಳೆ ಬಂದಿದೆ, ಬಿಸಿಬಿಸಿ ಏನಾದರೂ ತರಿಸೋಣ ಅಂದಿರುತ್ತಾರೆ ಅಂತ ನನ್ನ ಗುಮಾನಿ.

ನಿನ್ನೆ ಸಂಜೆ ಮತ್ತೆ ಹನಿ ಶುರುವಾಯಿತು. ಮಗಳು ಮಸಾಲೆ ದೋಸೆ ತರಿಸೋಣ ಅಂದಳು. ಮಳೆ ನಿಲ್ಲುವ ತನಕ ಬೇಡ ಎಂದೆ. ಹೆಂಡತಿ ಅಡುಗೆಮನೆಯಿಂದಲೇ ಕೇಳಿದಳು:

"ಎಲ್ರೂ ನಿಮ್ಮ ಹಾಗೇ ಆರ್ಡರ್ ಮಾಡ್ದೆ ಕೂತ್ರೆ ಆ ಹುಡುಗ್ರು ಊಟಕ್ಕೇನ್ ಮಾಡ್ಬೇಕು? ಆರ್ಡರ್ ಮಾಡಿ, ಆಮೇಲೆ ಫೋನ್ ಮಾಡಿ, ಅರ್ಜೆಂಟಿಲ್ಲಪ್ಪ ನಿಧಾನಕ್ಕೆ ಬಾ ಅನ್ನಿ."

"ಫೋನ್ ಮಾಡಿದ್ರೆ ಗಾಡಿ ಓಡಿಸ್ತಾನೇ ಎತ್ತುತ್ತಾನಲ್ಲೇ," ಅಂದೆ.

"ಹಾಗಾದ್ರೆ ಮೆಸೇಜ್ ಹಾಕಿ."

"ಅದನ್ನೂ ಓಡಿಸ್ತಾನೇ ಓದ್ತಾನೆ."

ಆ ಹೊತ್ತಿಗೆ ಮಗಳು ಆರ್ಡರ್ ಮಾಡಿಯಾಗಿತ್ತು.